ಅಂಗನವಾಡಿಯ ಮೂಲೆಗೆ ಬಳಿದ ಸುಣ್ಣ

ಭದ್ರತಾ ಠೇವಣಿ ಎಂಬ ಮಾತು ಕಿವಿಗೆ ಬಿದ್ದರೆ ನನಗೆ ಈಗಲೂ ಮೈ ಉರಿಯುತ್ತದೆ. ಹೈಸ್ಕೂಲು ಮುಗಿಸಿ, ಗಾರೆ ಕೆಲಸ ಕಲಿತು, ಸಣ್ಣಪುಟ್ಟ ಸರ್ಕಾರಿ ಕಟ್ಟಡಗಳ ಗುತ್ತಿಗೆ ಹಿಡಿದು ಬದುಕಿದವನು ನಾನು. ಕೊನೆಯದಾಗಿ ಕಟ್ಟಿದ್ದು ದಿಬ್ಬೂರಹಳ್ಳಿಯಾಚೆಯ ಒಂದು ಹಳ್ಳಿಯ ಅಂಗನವಾಡಿ. ಇಲಾಖೆಯವರು ಪ್ರತಿ ಬಿಲ್ಲಿನಲ್ಲೂ ಒಂದಿಷ್ಟು ಠೇವಣಿಯೆಂದು ಹಿಡಿದುಕೊಂಡು, ವರ್ಷದೊಳಗೆ ಕಟ್ಟಡದಲ್ಲಿ ದೋಷ ಕಾಣದಿದ್ದರೆ ವಾಪಸು ಕೊಡುತ್ತೇವೆ ಎಂಬುದು ಕರಾರು. ವರ್ಷ ಕಳೆಯಿತು, ಇಲಾಖೆಯ ಕಚೇರಿಗೆ ಅರ್ಜಿ ಕೊಟ್ಟೆ.

ಅಲ್ಲಿಂದ ಬಸ್ಸು ಹತ್ತಿದ್ದೇ ಹತ್ತಿದ್ದು. ಒಂದು ಸಲ ಇಂಜಿನಿಯರಿಗೆ ವರ್ಗವಾಗಿತ್ತು. ಇನ್ನೊಂದು ಸಲ ಅಳತೆ ಪುಸ್ತಕ ಆಡಿಟ್‌ಗೆ ಹೋಗಿತ್ತು. ಮತ್ತೊಂದು ಸಲ ನನ್ನ ಅರ್ಜಿಯೇ ಇರಲಿಲ್ಲ. ಗುಮಾಸ್ತ ನನ್ನ ಮಗನಿಗಿಂತ ಚಿಕ್ಕವನು, ತಲೆಯೆತ್ತದೆ ಮಾತಾಡುತ್ತಿದ್ದ.

"ಏನಪ್ಪಾ, ಮತ್ತೆ ಬಂದ್ಯಾ? ಮನೇಲಿ ಕೆಲ್ಸ ಇಲ್ವಾ?"

"ನನ್ ದುಡ್ಡು ಕೊಟ್ಬುಡಿ ಸಾರ್, ಈ ಕಡೆ ತಲೆ ಹಾಕಿನೂ ಮಲಗಲ್ಲ."

"ಸೋರ್ತಾ ಇಲ್ಲ ಅಂತ ಅಂಗನವಾಡಿ ಟೀಚರ್ ಕೈಲಿ ಬರೆಸ್ಕೊಂಡ್ ಬಾ. ಆಮೇಲೆ ಇಂಜಿನಿಯರ್ ಬಂದು ನೋಡ್ತಾರೆ."

ಈ ಮಾತನ್ನು ಮೊದಲ ದಿನವೇ ಹೇಳಲು ಇವನಿಗೇನಾಗಿತ್ತು? ಎಂಟು ತಿಂಗಳು ಅಲೆಸಿದ ಮೇಲೆ ಹೇಳಬೇಕಿತ್ತೇ?

ನಾನು ಎಲ್ಲರಿಗೂ ಹೇಳಿಕೊಂಡು ಬಂದದ್ದು ಇಷ್ಟನ್ನೇ. ಮುಂದಿನದನ್ನು ಹೆಂಡತಿಗೂ ಹೇಳಿಲ್ಲ.

ಅಂಗನವಾಡಿ ಸೋರುತ್ತಿತ್ತು. ತಾರಸಿಗೆ ಕಾಂಕ್ರೀಟು ಹಾಕಿದ ದಿನ ಸಿಮೆಂಟು ಸಾಲದೆ, ಒಂದು ಮೂಲೆಯಲ್ಲಿ ನೀರು ಹರಿಯುವ ಇಳಿಜಾರು ಕೊಡದೆ ಕೈಬಿಟ್ಟಿದ್ದೆ. ಪತ್ರ ಕೇಳಲು ಹೋದಾಗ ಟೀಚರಮ್ಮ ಆ ಮೂಲೆಯನ್ನೇ ತೋರಿಸಿದರು. ಚಾವಣಿಯಲ್ಲಿ ಚಾಪೆಯಗಲ ಹಳದಿ ಕಲೆ.

"ಹೆಂಗ್ ಬರ್ಕೊಡ್ಲಿ ಅಣ್ಣಾ? ಮಳೆ ಬಂದ್ರೆ ಮಕ್ಕಳನ್ನೆಲ್ಲ ಇನ್ನೊಂದ್ ಮೂಲೆಗೆ ತಳ್ತೀನಿ."

"ಬರ್ಕೊಡಮ್ಮಾ. ದುಡ್ಡು ಕೈಗೆ ಬಂದ ವಾರಕ್ಕೆ ಬಂದು ಸರಿ ಮಾಡ್ತೀನಿ."

ನಂಬಿ ಬರೆದುಕೊಟ್ಟರು. ಪಕ್ಕದ ಮನೆಯವರು ರೇಷ್ಮೆ ಹುಳದ ಮನೆಗೆಂದು ತಂದಿಟ್ಟ ಸುಣ್ಣವಿತ್ತು. ಒಂದು ಬಕೆಟ್ಟು ಕೇಳಿ ತಂದು, ಇಂಜಿನಿಯರ ಕಣ್ಣಿಗೆ ಬೀಳದಂತೆ ಆ ಕಲೆಯ ಮೇಲೆ ನಾನೇ ಮೂರು ಕೈ ಬಳಿದೆ. ಹುಳಕ್ಕೆ ರೋಗ ತಗುಲದಿರಲೆಂದು ತಂದ ಸುಣ್ಣ ನನ್ನ ಕಳ್ಳತನ ಮುಚ್ಚಲು ಹೋಯಿತು.

ಇಂಜಿನಿಯರು ಬರಲೇ ಇಲ್ಲ! ಪತ್ರ ನೋಡಿ ಕುರ್ಚಿಯಲ್ಲೇ ಸಹಿ ಹಾಕಿದರು. ಒಬ್ಬರಾದರೂ ಬಂದು ಆ ಮೂಲೆಯನ್ನು ಬೆರಳಲ್ಲಿ ಒತ್ತಿ ನೋಡಿದ್ದರೆ ನಾನು ಅಂದೇ ಸಿಕ್ಕಿಬೀಳುತ್ತಿದ್ದೆ, ಚಾವಣಿ ಅಂದೇ ಸರಿಯಾಗುತ್ತಿತ್ತು. ನೋಡಲೆಂದೇ ಸಂಬಳ ತೆಗೆದುಕೊಳ್ಳುವವರು ನೋಡಲಿಲ್ಲ. ಅದಕ್ಕೂ ಅವರ ಮೇಲೆ ಸಿಟ್ಟು ಬರುತ್ತದೆ. ಬರಬಾರದು, ಆದರೂ ಬರುತ್ತದೆ.

ಹಣ ಬಂತು. ನಾನು ಹೋಗಲಿಲ್ಲ. ಅಷ್ಟು ಅಲೆಸಿದರಲ್ಲ, ನಾನೇಕೆ ಮಾಡಲಿ ಎಂದುಕೊಂಡೆ. ಅಲೆಸಿದ್ದು ಕಚೇರಿ, ಮಳೆಯಲ್ಲಿ ನೆನೆದದ್ದು ಮಕ್ಕಳು. ಈ ಎರಡನ್ನು ಬೇರೆ ಮಾಡಿ ನೋಡಲು ನನಗೆ ನಾಲ್ಕು ವರ್ಷ ಬೇಕಾಯಿತು.

ಹೋದ ತಿಂಗಳು ಆ ಊರಿಗೆ ಸಾವಿಗೆಂದು ಹೋಗಿದ್ದೆ. ಮಳೆ ಹಿಡಿದುಕೊಂಡಿತೆಂದು ಅಂಗನವಾಡಿಯ ಜಗಲಿಗೆ ನುಗ್ಗಿದೆ. ಒಳಗೆ ಅರ್ಧ ಕೋಣೆಗೆ ನೀಲಿ ಪ್ಲಾಸ್ಟಿಕ್ ಹಾಳೆ ಕಟ್ಟಿದ್ದರು, ಅದರಡಿ ಮಕ್ಕಳು ಒತ್ತಿಕೊಂಡು ಉಣ್ಣುತ್ತಿದ್ದವು. ಟೀಚರಮ್ಮ ಗುರುತು ಹಿಡಿದರು.

"ಒಳಕ್ಕೆ ಬನ್ನಿ ಅಣ್ಣಾ. ಆ ಮೂಲೆ ಬೇಡ, ನಿಮಗೆ ಗೊತ್ತೇ ಇದೆಯಲ್ಲ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

ಮರುವಾರ ಇಬ್ಬರು ಆಳುಗಳೊಂದಿಗೆ ಹೋಗಿ, ತಾರಸಿಯ ಮೂಲೆ ಕೆತ್ತಿಸಿ, ಇಳಿಜಾರು ಕೊಟ್ಟು ಹೊಸದಾಗಿ ಗಾರೆ ಹಾಕಿಸಿದೆ. ಸಂಜೆ ನಾನು ಕೈ ತೊಳೆಯುವಾಗ ಟೀಚರಮ್ಮ ನಗುತ್ತಾ ಕೇಳಿದರು.

"ಸೋರ್ತಾ ಇಲ್ಲ ಅಂತ ಇನ್ನೊಂದ್ ಪತ್ರ ಬರ್ಕೊಡ್ಲಾ ಅಣ್ಣಾ?"

"ಬೇಡಮ್ಮಾ," ಎಂದೆ. "ಮೊದ್ಲು ಮಳೆ ಬರ್ಲಿ."