ಕೆಂಚಿನ ಮೇಲೆ ಕಪ್ಪು

ಹಿಂದೂಪುರದಲ್ಲಿ ನಮ್ಮ ತವರಿನ ಬೀದಿ ತುದಿಗೆ ಈಗೊಂದು ಬ್ಯೂಟಿ ಪಾರ್ಲರ್ ಆಗಿದೆ. ಮಿರಿಮಿರಿ ಮಿಂಚುವ ಕಪ್ಪು ಕೂದಲಿನ ಹುಡುಗಿಯರು ಒಳಗೆ ಹೋಗಿ, ಗಂಟೆಗಟ್ಟಲೆ ಕೂತು, ಕೆಂಚಗೆ ಬಣ್ಣ ಹಾಕಿಸಿಕೊಂಡು ಹೊರಗೆ ಬರುತ್ತಾರೆ. ಬಂದವರೇ ಬಾಗಿಲಲ್ಲಿ ನಿಂತು ಸೆಲ್ಫಿ ತೆಗೆದುಕೊಳ್ಳುತ್ತಾರೆ. ಅದನ್ನು ನೋಡಿದಾಗಲೆಲ್ಲ ನನಗೆ ಮೈ ಉರಿಯುತ್ತದೆ. ಆ ಹುಡುಗಿಯರ ಮೇಲಲ್ಲ, ಅವರೇನು ಮಾಡಿದರು ಪಾಪ. ಅದೇ ಬಣ್ಣವನ್ನು ದೇವರು ನನಗೆ ಹುಟ್ಟುವಾಗಲೇ ಪುಕ್ಕಟೆ ಕೊಟ್ಟು ಕಳಿಸಿದ್ದ. ಅದನ್ನು ಮುಚ್ಚುವುದಕ್ಕೆ ವರ್ಷಗಟ್ಟಲೆ ನನ್ನ ತಲೆಯ ಮೇಲೆ ಕಪ್ಪು ಸುರಿದರಲ್ಲ, ಅವರ ಮೇಲೆ.

ನಮ್ಮ ಅಜ್ಜಿಯ ಅಮ್ಮನಿಗೆ ಇಂಥದೇ ಕೂದಲಿತ್ತಂತೆ. ನಡುವೆ ಯಾರಿಗೂ ಬಾರದೆ ನನಗೆ ಬಂತು. ನೆರಳಲ್ಲಿ ಕಂದು, ಬಿಸಿಲಿಗೆ ಬಂದರೆ ಕೆಂಪು. ಶಾಲೆಯಲ್ಲಿ ಕನ್ನಡದ ಮಕ್ಕಳು ಕೆಂಚಿ ಅಂದರು, ತೆಲುಗಿನ ಮಕ್ಕಳು ಎರ್ರಜುಟ್ಟು ಅಂದರು, ಟೀಚರು ಮನೆಯಲ್ಲಿ ಎಣ್ಣೆ ಇಲ್ಲವಾ ಅಂದರು. ನಾನೂ ಸುಮ್ಮನಿರುವ ಪೈಕಿ ಅಲ್ಲ, ಕೆಂಚಿ ಅಂದವರ ಜಡೆ ಹಿಡಿದು ಎಳೆದು ಬರುತ್ತಿದ್ದೆ. ಅಲ್ಲಿಗೆ ಲೆಕ್ಕ ಚುಕ್ತಾ ಆಗುತ್ತಿತ್ತು. ಕೂದಲು ಒಂದು ಕಷ್ಟ ಅಂತ ನನಗೆ ಗೊತ್ತಾದದ್ದು ಗಂಡು ನೋಡಲು ಶುರು ಮಾಡಿದ ಮೇಲೆ. ಬಂದವರು ಮುಖ ನೋಡಿದರು, ಜಡೆ ನೋಡಿದರು, ಉಪ್ಪಿಟ್ಟು ತಿಂದು ಹೋದರು. ಆಮೇಲೆ ಮದುವೆ ದಲ್ಲಾಳಿ ಬಂದು ಜಗುಲಿ ಮೇಲೆ ಕೂತು ಹೇಳಿದ, "ಹುಡ್ಗಿ ಏನೋ ಲಕ್ಷಣವಾಗವ್ಳೆ ಕಣಮ್ಮ. ಕೆಂಚುಗೂದ್ಲು ಮನೆಗೆ ಆಗಿ ಬರಾಕಿಲ್ಲ ಅಂತಾರೆ ಜನ."

ಅಮ್ಮ ಆವತ್ತಿನಿಂದ ನನ್ನ ತಲೆಯನ್ನು ಶತ್ರುವಿನ ಹಾಗೆ ನೋಡತೊಡಗಿದಳು.

ನಮ್ಮದು ಮಗ್ಗದ ಮನೆ. ಅಪ್ಪ ರೇಷ್ಮೆ ನೂಲಿಗೆ ತಾವೇ ಬಣ್ಣ ಹಾಕುತ್ತಿದ್ದರು. ಹಿತ್ತಿಲಲ್ಲಿ ಒಲೆ, ಒಲೆ ಮೇಲೆ ಹಂಡೆ, ಹಗ್ಗದ ಮೇಲೆ ಸದಾ ಯಾವುದೋ ಬಣ್ಣದ ನೂಲು. ಕಲ್ಯಾಣದುರ್ಗದಿಂದ ಒಂದು ಸಂಬಂಧ ಬಂತು. ಮಾರನೆಯ ದಿನ ನೋಡಲು ಬರುತ್ತಾರೆ ಅನ್ನುವಾಗ ಅಪ್ಪ ಸೀರೆ ಕೊಟ್ಟು ಬರಲು ಸಾವುಕಾರರ ಅಂಗಡಿಗೆ ಹೋಗಿದ್ದರು. ಅಮ್ಮ ಹಂಡೆಯಲ್ಲಿ ಮಿಕ್ಕಿದ್ದ ಕಪ್ಪು ಬಣ್ಣವನ್ನು ಬೆಚ್ಚಗೆ ಮಾಡಿ ನನ್ನನ್ನು ಕರೆದಳು.

"ರೇಷ್ಮೆಗೆ ಹತ್ತೋದು ಕೂದ್ಲಿಗೆ ಹತ್ತಾಕಿಲ್ವಾ? ಬಗ್ಗು."

"ಬ್ಯಾಡ ಕಣಮ್ಮ, ಉರೀತೈತೆ!"

"ಉರೀಲಿ. ಮನೇಲಿ ಕೂತು ಮುದುಕಿ ಆಯ್ತೀಯಾ? ಬಗ್ಗು ಅಂದ್ರೆ ಬಗ್ಗು."

ಹತ್ತಿತು, ಹತ್ತದೆ ಏನು. ಕೂದಲಿಗೆ ಹತ್ತಿತು, ಕಿವಿಗೆ ಹತ್ತಿತು, ಹಣೆಗೆ, ಕುತ್ತಿಗೆಗೆ, ಅಮ್ಮನ ಮೊಣಕೈವರೆಗೆ ಹತ್ತಿತು. ಸೀಗೆಪುಡಿ, ನಿಂಬೆಹಣ್ಣು, ಸೀಮೆಎಣ್ಣೆ, ಏನು ಹಾಕಿ ಉಜ್ಜಿದರೂ ಚರ್ಮ ಕಿತ್ತು ಬಂತೇ ಹೊರತು ಬಣ್ಣ ಬರಲಿಲ್ಲ. ಸಂಜೆ ಅಪ್ಪ ಬಂದು ನಮ್ಮಿಬ್ಬರನ್ನೂ ನೋಡಿ ತಲೆ ಮೇಲೆ ಕೈ ಹೊತ್ತು ಕೂತರು. "ತೊಳುದ್ರೆ ಹೋಗೋ ಬಣ್ಣ ಹಾಕಿದ್ರೆ ನಮ್ ಸೀರೇನ ಯಾರೇ ಕೊಳ್ತಿದ್ರು?" ಅಂದರು. ಹುಡುಗಿಗೆ ಸಿಡುಬು, ಮೈಮೇಲೆ ಅಮ್ಮ ಎದ್ದಿದೆ, ಈಗ ಬರಬೇಡಿ ಅಂತ ಕಲ್ಯಾಣದುರ್ಗಕ್ಕೆ ಫೋನು ಹೋಯಿತು. ಈಗ ನೆನೆದು ನಕ್ಕೇನು. ಆಗ ನಾನು ಕನ್ನಡಿ ಮುಂದೆ ನಿಂತು, ಮಸಿ ಬಳಿದ ಬೆದರುಬೊಂಬೆಯಂತಿದ್ದ ನನ್ನ ಮುಖ ನೋಡಿ, ಬಿಕ್ಕಿ ಬಿಕ್ಕಿ ಅತ್ತಿದ್ದೆ.

ಹಣೆಯ ಕಪ್ಪು ಮಾಸಿದ ಮೇಲೆ ಅಂಗಡಿಯ ಡೈ ಪ್ಯಾಕೆಟ್ ತಂದರು. ಹಣೆಗೆ ವ್ಯಾಸಲೀನ್ ಬಳಿದು, ಬ್ರಷ್ಷಿನಲ್ಲಿ ಎಳೆ ಎಳೆಯಾಗಿ ಹಚ್ಚಿದರು. ಕಲ್ಯಾಣದುರ್ಗದವರು ಬಂದರು. ಈಗ ನನ್ನ ಅತ್ತೆಯಾಗಿರುವಾಕೆ ನನ್ನ ಜಡೆಯನ್ನು ಕೈಯಲ್ಲಿ ತೂಗಿ ನೋಡಿ, "ಕೂದ್ಲು ಬೋ ಚೆಂದಾಗೈತೆ ಕಣಮ್ಮ" ಅಂದರು. ಸಾವಿರ ಸುಳ್ಳು ಹೇಳಿ ಒಂದು ಮದುವೆ ಮಾಡು ಅನ್ನುತ್ತಾರಲ್ಲ, ಆ ಸಾವಿರವನ್ನೂ ನನ್ನ ತಲೆ ಮೇಲೆಯೇ ಹೊರಿಸಿ ಮದುವೆ ಮಾಡಿದರು. ಕಳಿಸಿಕೊಡುವ ದಿನ ಅಮ್ಮ ಒಳಕೋಣೆಗೆ ಕರೆದು, ನನ್ನ ಕೈಯನ್ನು ತನ್ನ ನೆತ್ತಿ ಮೇಲಿಟ್ಟುಕೊಂಡಳು. "ನಿನ್ ಬಾಯಿಂದ ಈ ಮಾತು ಹೊರಗೆ ಬಿತ್ತೋ, ನನ್ ಹೆಣ ನೋಡ್ತೀಯ." ಅಳುತ್ತಿದ್ದ ಹೆಣ್ಣಿನ ಕೈಯಲ್ಲಿ ಆಣೆ ಇಡಿಸಿಕೊಳ್ಳುವುದು ಸುಲಭ. ನಾನು ಇಟ್ಟೆ.

ಕೆಂಚು ಕೂದಲಿನ ಮೇಲೆ ಕಪ್ಪು ಹಾಕುವುದು ನರೆಗೆ ಹಾಕಿದ ಹಾಗಲ್ಲ. ನರೆ ಇಣುಕಿದರೆ ವಯಸ್ಸು ಅನ್ನುತ್ತಾರೆ. ಹೊಸ ಸೊಸೆಯ ಬೈತಲೆಯಲ್ಲಿ ಕೆಂಪು ಗೆರೆ ಇಣುಕಿದರೆ ಏನನ್ನುತ್ತಾರೆ? ನಾನು ಬೈತಲೆ ತುಂಬ ಕುಂಕುಮ ಮೆತ್ತಿಕೊಳ್ಳುತ್ತಿದ್ದೆ. ಅತ್ತೆ ಅದನ್ನು ನೋಡಿ ತಮ್ಮ ಸೊಸೆಯಂಥ ಸಂಪ್ರದಾಯಸ್ಥೆ ಊರಲ್ಲೇ ಇಲ್ಲ ಅಂತ ಹೇಳಿಕೊಂಡು ತಿರುಗುತ್ತಿದ್ದರು. ನಮ್ಮ ಮನೆಯವರು ಬಸ್ ಸ್ಟ್ಯಾಂಡ್ ಹತ್ತಿರದ ತಮ್ಮ ಮೋಟರ್ ರಿಪೇರಿ ಅಂಗಡಿಗೆ, ಅತ್ತೆ ಸಂತೆಗೆ ಹೊರಟ ಹೊತ್ತು ನೋಡಿ, ಬಚ್ಚಲ ಬಾಗಿಲು ಹಾಕಿಕೊಂಡು ಕಪ್ಪು ಕಲಸುತ್ತಿದ್ದೆ. ನೆತ್ತಿಯೆಲ್ಲ ಕಡಿತ, ಕೆರೆದು ಕೆರೆದು ಹುಣ್ಣು. ಹುಣ್ಣಿನ ಮೇಲೆ ಮತ್ತೆ ಅದೇ ಬಣ್ಣ. ಕಳ್ಳಿಯಂತೆ ಬಚ್ಚಲಲ್ಲಿ ಬಗ್ಗಿ ನಿಂತಾಗ ಒಂದೊಂದು ಸಲ ಆ ಬಟ್ಟಲನ್ನು ಗೋಡೆಗೆ ಬಡಿಯಬೇಕು ಅನ್ನಿಸುತ್ತಿತ್ತು.

ಮಗಳು ಹಿಂದೂಪುರದಲ್ಲಿ ಹುಟ್ಟಿದಳು. ಹುಟ್ಟುವಾಗ ಕೂದಲು ಕಪ್ಪಗಿತ್ತು, ಅಮ್ಮ ದೇವರಿಗೆ ತುಪ್ಪದ ದೀಪ ಹಚ್ಚಿದಳು. ದಿನ ಕಳೆದಂತೆ ಆ ಕೂದಲು ಉದುರಿ ಹೊಸದು ಬಂತು. ತೊಟ್ಟಿಲಿಗೆ ಹಾಕುವ ಹೊತ್ತಿಗೆ ಮಗುವಿನ ತಲೆ ತಾಮ್ರದ ಚೊಂಬಿನ ಹಾಗೆ ಹೊಳೆಯುತ್ತಿತ್ತು. ಎಷ್ಟು ಚೆಂದ ಅಂತೀರಿ! ನಾನು ಮೂಸಿ ಮೂಸಿ ಮುದ್ದಾಡುತ್ತಿದ್ದರೆ ಅಮ್ಮ ಡೈ ಬಟ್ಟಲು ಹಿಡಿದು ಬಂದಳು, ಬೀಗರು ಬರುವ ಮೊದಲು ಬಾಣಂತಿಯ ತಲೆಗೆ ಬಳಿಯಲು. ಮಗುವನ್ನು ಮಡಿಲಲ್ಲಿಟ್ಟುಕೊಂಡೇ ಬಳಿಸಿಕೊಂಡೆ.

ಅತ್ತೆ ಬಂದವರೇ ಮಗುವಿನ ಕುಲಾವಿ ತೆಗೆದರು. ತೆಗೆದವರು ಹಾಗೇ ನಿಂತರು.

"ಇದ್ಯಾರ್ ಹೋಲಿಕೆ? ನಮ್ಮ ವಂಶದಾಗೆ ಯಾರ್ಗೂ ಇಲ್ಲ. ನಿಮ್ ಕಡೆ ಯಾರ್ಗಾದ್ರೂ ಐತಾ?"

ನಾನು ಅಮ್ಮನನ್ನು ನೋಡಿದೆ. ಈಗ ಹೇಳಮ್ಮ, ಈಗಲಾದರೂ ಹೇಳು ಅಂತ ಕಣ್ಣಲ್ಲೇ ಬೇಡಿದೆ. ಹೆತ್ತ ತಾಯಿ ಸೆರಗು ಸರಿಮಾಡಿಕೊಂಡು, "ನಮ್ ಕಡೇನೂ ಯಾರ್ಗೂ ಇಲ್ವಲ್ಲ ಕಣಮ್ಮ" ಅಂದುಬಿಟ್ಟಳು.

ಆ ಒಂದು ಮಾತಿಗೆ ನನ್ನ ಮಗಳು ಯಾರ ಕಡೆಗೂ ಸೇರದವಳಾದಳು. ಅಮ್ಮನಿಗೆ ಅದು ಹೊಳೆಯಲೂ ಇಲ್ಲ. ಅವಳಿಗೆ ಬೇಕಿದ್ದದ್ದು ಕೂದಲಿನ ಸುಳ್ಳು ಉಳಿಯುವುದು, ಅಷ್ಟೇ.

ಕಲ್ಯಾಣದುರ್ಗಕ್ಕೆ ಹೋದ ಮೇಲೆ ಶುರುವಾಯಿತು. ಯಾರೂ ನೇರವಾಗಿ ಕೇಳುತ್ತಿರಲಿಲ್ಲ. ಪಕ್ಕದ ಮನೆಯಾಕೆ ಮಗುವನ್ನು ಎತ್ತಿಕೊಂಡು, "ಈ ಎರ್ರಜುಟ್ಟು ಎವರಿದಮ್ಮಾ?" ಅಂತ ತೆಲುಗಿನಲ್ಲಿ ಮುದ್ದಾಡುವ ಹಾಗೆ ಕೇಳುವಳು. ಯಾರದು ಈ ಕೆಂಪು ಕೂದಲು ಅಂತ ಮಗುವನ್ನು ಕೇಳುತ್ತಾ ನನ್ನ ಮುಖ ನೋಡುವಳು. ಅತ್ತೆ ಒಂದು ಮಧ್ಯಾಹ್ನ ಅವರೆಕಾಯಿ ಸುಲಿಯುತ್ತಾ, ತಲೆ ಎತ್ತದೆ ಕೇಳಿದರು, "ಅಲ್ಲ ಕಣಮ್ಮಿ, ಹಿಂದೂಪುರದಾಗೆ ನಿಮ್ ಬೀದೀಲಿ ಕೆಂಚುಗೂದ್ಲೋರು ಯಾರಾನ ಅವ್ರಾ?"

ಇದ್ದಾರೆ ಅತ್ತೆ, ನಿಮ್ಮ ಎದುರಿಗೇ ಕೂತಿದ್ದಾರೆ! ಮಾತು ನಾಲಿಗೆ ತುದಿಗೆ ಬಂತು. ಅಮ್ಮನ ನೆತ್ತಿ ಮೇಲಿಟ್ಟ ಕೈ ನೆನಪಾಯಿತು. ನುಂಗಿಕೊಂಡೆ. "ಗೊತ್ತಿಲ್ಲ" ಅಂದೆ. ಆ ಗೊತ್ತಿಲ್ಲ ಅನ್ನುವುದೇ ದೊಡ್ಡ ತಪ್ಪಾಯಿತು ಅನ್ನಿಸುತ್ತದೆ. ಅವರ ಕೈ ಒಂದು ಗಳಿಗೆ ನಿಂತು ಮತ್ತೆ ಅವರೆಕಾಯಿಗೆ ಹೋಯಿತು.

ಈ ಮಾತು ಬಂದಾಗಲೆಲ್ಲ ನಮ್ಮ ಮನೆಯವರು ಎದ್ದು ಚಪ್ಪಲಿ ಮೆಟ್ಟಿಕೊಳ್ಳುವರು. "ಅಂಗ್ಡಿ ಕಡೆ ಹೋಯ್ತೀನಿ" ಅನ್ನುವರು, ಹೋಗುವರು. ಮಗುವನ್ನು ಪ್ರೀತಿಯಿಂದಲೇ ಆಡಿಸುತ್ತಿದ್ದರು, ಸುಳ್ಳು ಹೇಳಬಾರದು. ಆದರೆ ಅವರೂ ಒಳಗೊಳಗೆ ಬೇಯುತ್ತಿದ್ದಾರೆ ಅಂತ ನಾನು ಅಂದುಕೊಂಡಿದ್ದೆ. ಪಾಪ, ಏನೂ ತಿಳಿಯದ ಮನುಷ್ಯ, ಯಾರನ್ನು ಕೇಳಬೇಕು, ಹೆಂಡತಿಯನ್ನು ಹೇಗೆ ಕೇಳಬೇಕು ಅಂತ ನನಗೆ ಅವರ ಮೇಲೆ ಮರುಕ ಹುಟ್ಟುತ್ತಿತ್ತು. ಊಟಕ್ಕೆ ಒಂದು ಮುದ್ದೆ ಜಾಸ್ತಿ ಇಡುತ್ತಿದ್ದೆ. ಆ ಮರುಕಕ್ಕಿಷ್ಟು ಬೆಂಕಿ ಹಾಕ!

ಮಗುವಿಗೆ ಮನೆದೇವರ ಗುಡಿಯಲ್ಲಿ ಮುಡಿ ತೆಗೆಸಿದರು. ಬೋಳಿಸಿದರೆ ಕಪ್ಪಗೆ ಬರುತ್ತದೆ ಅಂತ ಅತ್ತೆಯ ನಂಬಿಕೆ. ಗರಗದ ಸೊಪ್ಪು ಅರೆದು, ಹರಳೆಣ್ಣೆಯಲ್ಲಿ ಕಾಯಿಸಿ, ದಿನಾ ತಿಕ್ಕಿದರು. ಬಂದದ್ದು ಮತ್ತೆ ಕೆಂಚೇ, ಮೊದಲಿಗಿಂತ ಗಟ್ಟಿಯಾಗಿ.

ಆಮೇಲೆ ಅತ್ತೆಯ ತಮ್ಮನ ಮನೆಯಲ್ಲಿ ಮದುವೆ ಬಂತು. ಹೊರಡುವ ಹಿಂದಿನ ದಿನ ನಾನು ಹಿತ್ತಿಲಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ನಡುಮನೆಯಿಂದ ಆ ವಾಸನೆ ಬಂತು. ಯಾವ ವಾಸನೆ ತಪ್ಪಿದರೂ ಅದು ನನಗೆ ತಪ್ಪುವುದಿಲ್ಲ. ಓಡಿ ಹೋಗಿ ನೋಡಿದರೆ ಅತ್ತೆ ಮಗುವನ್ನು ಕಾಲ ಮೇಲೆ ಕೂರಿಸಿಕೊಂಡಿದ್ದಾರೆ, ಮಗು ನೆಲಗಡಲೆ ಚಿಕ್ಕಿ ಕಚ್ಚುತ್ತಿದೆ, ಪಕ್ಕದಲ್ಲಿ ಬಟ್ಟಲು ತುಂಬ ಕಪ್ಪು ಡೈ.

ಏನು ಮಾಡಿದೆ ಅಂತ ನನಗೇ ನೆಟ್ಟಗೆ ಗೊತ್ತಿಲ್ಲ. ಬಟ್ಟಲು ಮೋರಿಯಲ್ಲಿ ಬಿದ್ದಿತ್ತು, ಗೋಡೆಯ ತುಂಬ ಕಪ್ಪು ಸಿಡಿದಿತ್ತು, ಮಗು ನನ್ನ ಕಂಕುಳಲ್ಲಿ ಚೀರುತ್ತಿತ್ತು.

"ಇನ್ನೊಂದ್ ಸಲ ಇದರ ತಲೆ ಮುಟ್ಟಿದ್ರೆ ಕೈ ಮುರೀತೀನಿ!" ಅಂದೆ, ಅತ್ತೆಗೆ. ಹೌದು, ಅತ್ತೆಗೇ ಅಂದೆ.

ಅವರು ಹೆದರಲಿಲ್ಲ, ಅತ್ತುಬಿಟ್ಟರು. "ನನ್ಗೇನ್ ಆಸೇನಾ? ಮಗಾ ಯಾರ್ದು, ಮಗಾ ಯಾರ್ದು ಅಂತ ಊರೇ ಕೇಳ್ತೈತೆ ಕಣಮ್ಮಿ! ನಾಳೆ ಅಷ್ಟು ಜನದ ಮುಂದೆ ಏನ್ ಹೇಳ್ಲಿ ನಾನು? ನೀನೇ ಹೇಳು, ಯಾರ್ದು?"

ಕೇಳಿಯೇ ಬಿಟ್ಟರು. ಮನೆಯವರು ಅಲ್ಲೇ ಬಾಗಿಲಲ್ಲಿ ನಿಂತಿದ್ದರು. ನಾನು ಅವರ ಮುಖ ನೋಡಿದೆ. ಅವರು ನೆಲ ನೋಡಿದರು. "ಬುಡಮ್ಮೋ, ಇದೇನ್ ರಂಪ" ಅಂದು ಹೊರಗೆ ಹೋದರು.

ಬಾಯಿ ಬಿಡುವುದಿಲ್ಲ ಅಂತ ಆಣೆ ಇಟ್ಟಿದ್ದೆ, ಸರಿ. ತಲೆ ಬೋಳಿಸಿಕೊಳ್ಳುವುದಿಲ್ಲ ಅಂತ ಯಾರಿಗೂ ಆಣೆ ಇಟ್ಟಿರಲಿಲ್ಲ. ಮಗುವಿಗಾಗಿ ಮನೆದೇವರಿಗೆ ಮುಡಿ ಹರಕೆ ಹೊತ್ತಿದ್ದೇನೆ, ಮದುವೆಗೆ ಮೊದಲೇ ತೀರಿಸಬೇಕು ಅಂದೆ. ಹರಕೆ ಅಂದಮೇಲೆ ಅತ್ತೆ ಬೇಡ ಅನ್ನುವಂತಿಲ್ಲ. ಅದೇ ಸಂಜೆ ಗುಡಿಗೆ ಹೋದೆವು.

ಮುಡಿ ತೆಗೆಯುವವನು ಕತ್ತರಿ ಎತ್ತಿಕೊಂಡ. "ಮುತ್ತೈದೆ, ತುದಿಕೂದ್ಲು ಮೂರು ಕತ್ರಿ ಕೊಟ್ರೆ ಸಾಕು ಕಣಮ್ಮ."

"ಪೂರ್ತಿ ತೆಗಿ."

"ಪೂರ್ತೀನಾ? ಇಷ್ಟು ಚೆಂದಾಗೈತೆ ಕೂದ್ಲು, ಯೋಚ್ನೆ ಮಾಡಮ್ಮ."

"ತೆಗೀತೀಯೋ, ನಾನೇ ತೆಗೀಲೋ?"

ತೆಗೆದ. ಅಮ್ಮ ಬಳಿದದ್ದು, ನಾನು ಬಳಿದುಕೊಂಡದ್ದು, ಅಷ್ಟು ಕಪ್ಪೂ ಮಡಿಲಿಗೆ ಬಿತ್ತು. ಹುಣ್ಣಿದ್ದ ನೆತ್ತಿಗೆ ಗಾಳಿ ತಾಗಿ ಎಷ್ಟು ಹಾಯ್ ಅನ್ನಿಸಿತು ಅಂದರೆ ನಾನು ಅಲ್ಲೇ ಅತ್ತುಬಿಟ್ಟೆ. ನೋಡಿದವರು ಭಕ್ತಿ ಅಂದುಕೊಂಡರು. ಮದುವೆಯ ಫೋಟೋದಲ್ಲಿ ನಾನು ಬೋಳುತಲೆಗೆ ಗಂಧ ಹಚ್ಚಿಕೊಂಡು, ಕೆಂಚು ಮಗುವನ್ನು ಎತ್ತಿಕೊಂಡು, ಕ್ಯಾಮೆರಾವನ್ನು ಕಣ್ಣಲ್ಲೇ ಸುಡುವ ಹಾಗೆ ನಿಂತಿದ್ದೇನೆ.

ಆಮೇಲೆ ಕಾದೆ. ತಲೆಗೆ ಸೆರಗು ಹೊದೆಯಲಿಲ್ಲ. ಬೆಳೆಯಲಿ, ಎಲ್ಲರೂ ನೋಡಲಿ ಅಂತ ಕಾದೆ.

ಒಂದು ಬೆಳಿಗ್ಗೆ ಮಗುವನ್ನು ಮಡಿಲಲ್ಲಿ ಹಾಕಿಕೊಂಡು ಮೆಟ್ಟಿಲ ಮೇಲೆ ಎಳೆಬಿಸಿಲಿಗೆ ಕೂತಿದ್ದೆ. ಅತ್ತೆ ಕಸ ಗುಡಿಸುತ್ತಾ ಬಂದವರು ಪೊರಕೆ ಬಿಟ್ಟರು. ನನ್ನ ತಲೆ ಮೇಲೆ ಕೈಯಾಡಿಸಿದರು. ಮಗುವಿನ ತಲೆ ಮೇಲೆ ಆಡಿಸಿದರು. ಮತ್ತೆ ನನ್ನ ತಲೆ.

"ಅಯ್ಯೋ ಶಿವ್ನೇ! ನಿಂದಾ ಇದು? ನಿನ್ ಕೂದ್ಲಾ?"

ನಾನು ತಲೆ ಆಡಿಸಿದೆ. ಬಾಯಿ ಬಿಡಲಿಲ್ಲ.

ಅವರು ಅಲ್ಲೇ ಕುಸಿದು ಕೂತು ಮಗುವನ್ನು ಎಳೆದುಕೊಂಡರು, ತಬ್ಬಿಕೊಂಡರು, ಅತ್ತರು. ನಡುನಡುವೆ ನಮ್ಮಮ್ಮನನ್ನು ಬೈದರು. ಬೈಯಲಿ, ಆ ಬೈಗುಳದಲ್ಲಿ ನನ್ನ ಪಾಲೂ ಇರಲಿ ಅಂದುಕೊಂಡೆ. ಅಷ್ಟರಲ್ಲಿ ಮನೆಯವರು ಕಾಫಿ ಗ್ಲಾಸು ಹಿಡಿದು ಹೊರಗೆ ಬಂದರು.

"ನೋಡ್ಲಾ ಇಲ್ಲಿ! ಇವಳ್ದೇ ಕಣ್ಲಾ ಮಗೀನ ಕೂದ್ಲು! ಕಪ್ಪು ಬಳ್ದು ನಿನ್ಗೆ ಕಟ್ಬುಟ್ಟವ್ರೆ ಇವ್ರಮ್ಮ!"

ಅವರು ನಕ್ಕರು. ತಾನು ಅಷ್ಟು ಸುಲಭಕ್ಕೆ ಮೋಸ ಹೋಗುವ ದಡ್ಡನಲ್ಲ ಅಂತ ತೋರಿಸುವ ನಗು. "ನನ್ಗೆ ಮದ್ವೆ ಆದ ತಿಂಗ್ಳೇ ಗೊತ್ತಾಗಿತ್ತು ಬುಡಮ್ಮೋ" ಅಂದರು.

"ಗೊತ್ತಿತ್ತಾ?" ಅಂದೆ.

"ಹೂಂ. ಬಚ್ಚಲ ಕಲ್ಲಿನ್ ಮೇಲೆ ಕಪ್ಪು ನೀರು ಕಾಣಾಕಿಲ್ವಾ?"

"ಮತ್ತೆ ಆವತ್ತು ಮಗು ಯಾರ್ದು ಅಂತ ಅತ್ತೆ ಕೇಳ್ದಾಗ? ಬಾಗ್ಲಲ್ಲೇ ನಿಂತಿದ್ರಲ್ಲ?"

"ನಿನ್ ಗುಟ್ಟು ನಾನ್ಯಾಕೆ ಬಿಚ್ಲಿ ಅಂತ ಸುಮ್ಕಿದ್ದೆ."

ಅತ್ತೆ ಕಣ್ಣೊರೆಸಿಕೊಂಡು, "ನನ್ ಮಗ ಬಂಗಾರ ಕಣಮ್ಮಿ. ಹೆಂಡ್ತಿ ಮಾನ ಕಾಪಾಡವ್ನೆ" ಅಂದರು. ಅವರು ಅದನ್ನು ಮನಸಾರೆ ಅಂದರು. ಊರಿನವರೂ ಈಗ ಅದನ್ನೇ ಅನ್ನುತ್ತಾರೆ.

ಮಾನವಂತೆ ಮಾನ! ಒಂದು ಮಾತು ಆಡಿದ್ದರೆ ಸಾಕಿತ್ತು, ಇವಳ ಕೂದಲೂ ಕೆಂಚೇ ಕಣಮ್ಮ ಅಂತ. ನನ್ನ ಮಾನವನ್ನು ಬೀದಿಗೆ ಬಿಟ್ಟು ಕೂದಲಿನ ಬಣ್ಣವನ್ನು ಜೋಪಾನ ಮಾಡಿದ ಈ ಮನುಷ್ಯನಿಗೆ ನಾನು ಪಾಪ ಅಂದು ಒಂದು ಮುದ್ದೆ ಜಾಸ್ತಿ ಬಡಿಸಿದ್ದೆ. ನಾನು ಅವರ ಮುಖವನ್ನೇ ನೋಡಿದೆ. ಅವರು ನನ್ನನ್ನು ನೋಡಿ ಮತ್ತೆ ನಕ್ಕರು, ಒಳ್ಳೆಯ ಕೆಲಸ ಮಾಡಿದವರ ಹಾಗೆ, ನಾನು ಮೆಚ್ಚಿ ಏನಾದರೂ ಹೇಳುತ್ತೇನೆ ಅಂತ ಕಾಯುತ್ತಾ.