ಅಕ್ಕೋರ ಎಡಗಡೆ

ಮೊನ್ನೆ ರಾಯಚೂರಿನ ನಮ್ಮ ಮನೆಯ ಮೆಟ್ಟಿಲು ಹತ್ತುತ್ತಿದ್ದಾಗ ಕೆಳಗಿನ ಮನೆಯಿಂದ ಪುಂಡಿ ಪಲ್ಯದ ವಾಸನೆ ಬಂತು. ಹಸಿಮೆಣಸಿನಕಾಯಿ, ಬೆಳ್ಳುಳ್ಳಿ ಹಾಕಿ ಕುದಿಸಿದ ಆ ಹುಳಿಸೊಪ್ಪಿನ ವಾಸನೆ. ತರಕಾರಿ ಚೀಲ ಹಿಡಿದುಕೊಂಡು ಅಲ್ಲೇ ನಿಂತುಬಿಟ್ಟೆ. ಮಾನ್ವಿಯ ಒಂದು ಮನೆಯಲ್ಲಿ ಇದೇ ಪಲ್ಯ ತಾಟಿನಲ್ಲಿ ಕಣ್ಣೆದುರೇ ಇದ್ದರೂ ಪುಂಡಿ ಪಲ್ಯ ಮಾಡಲೇ ಇಲ್ಲವಲ್ಲ ಎಂದು ಬೇಸರ ಮಾಡಿಕೊಂಡವರೊಬ್ಬರಿದ್ದರು. ಊರೆಲ್ಲ ಅವರನ್ನು ಅಕ್ಕೋರು ಎನ್ನುತ್ತಿತ್ತು. ನಮ್ಮ ಕಡೆ ಸಾಲಿ ಕಲಿಸುವ ಹೆಂಗಸರನ್ನೆಲ್ಲ ಹಾಗೇ ಕರೆಯುವುದು. ಆದರೂ ಆ ಮಾತು ಕಿವಿಗೆ ಬಿದ್ದರೆ ನನಗೆ ಇವತ್ತಿಗೂ ಅವರೊಬ್ಬರದೇ ಮುಖ...

ಎಪ್ಪತ್ತರ ದಶಕ ಮುಗಿಯುವ ಹೊತ್ತಿಗೆ ನನಗೆ ಮಾನ್ವಿಯ ಹೆಣ್ಣುಮಕ್ಕಳ ಶಾಲೆಯಲ್ಲಿ ನೌಕರಿ ಸಿಕ್ಕಿತು. ನಾನು ದೇವದುರ್ಗದ ಕಡೆಯ ಅರಕೇರಾದವಳು. ನಮ್ಮ ಕೇರಿಯಲ್ಲಿ ಓದಿ ನೌಕರಿ ಹಿಡಿದ ಮೊದಲ ಹುಡುಗಿ. ಅಪ್ಪ ಅವ್ವ ಇಬ್ಬರೂ ಕೂಲಿಗೆ ಹೋಗುವವರು. ಮಾನ್ವಿಯಲ್ಲಿ ಬಾಡಿಗೆ ಮನೆ ಕೇಳಲು ಹೋದರೆ ಮೊದಲು ಊರು ಕೇಳುತ್ತಿದ್ದರು, ಆಮೇಲೆ ಕೇರಿ ಕೇಳುತ್ತಿದ್ದರು, ಆಮೇಲೆ ನನ್ನ ಹಿಂದಿನ ಗೋಡೆಯನ್ನು ನೋಡುತ್ತ ಮನೆ ಖಾಲಿ ಇಲ್ಲ ಎನ್ನುತ್ತಿದ್ದರು. ಒಂದು ಮಧ್ಯಾಹ್ನ ಶಾಲೆಯ ವರಾಂಡದಲ್ಲಿ ನಾನು ಸುಮ್ಮನೆ ಕೂತಿದ್ದಾಗ ಅಕ್ಕೋರು ಬಂದು ಎದುರಿಗೆ ನಿಂತರು. ನನ್ನ ಮುಖವನ್ನೇ ನೋಡುತ್ತ ಹೇಳಿದರು.

"ನಮ್ಮ ಹಿತ್ತಲದ ಖೋಲಿ ಖಾಲಿ ಅದ. ಸಂಜಿಗೆ ಸಾಮಾನು ತಗೊಂಡು ಬಂದುಬಿಡು ತಂಗಿ."

ಊರು ಕೇರಿ ಏನನ್ನೂ ಕೇಳಲಿಲ್ಲ. ಹಾಗೆ ನಾನು ಅವರ ಮನೆಯವಳಾದೆ.

ಅಕ್ಕೋರ ಪಾಠವೆಂದರೆ ಹುಡುಗಿಯರಿಗೆ ಪ್ರೀತಿ, ಹೆದರಿಕೆ ಎರಡೂ. ಬೆನ್ನು ತಿರುಗಿಸಿ ಬೋರ್ಡಿನ ಮೇಲೆ ಬರೆಯುತ್ತಿದ್ದರೂ ಹಿಂದಿನ ಸಾಲಿನಲ್ಲಿ ಯಾರು ಹುಣಸೆಹಣ್ಣು ಬಾಯಿಗೆ ಹಾಕಿಕೊಂಡರು ಎಂಬುದು ಅವರಿಗೆ ಗೊತ್ತಾಗುತ್ತಿತ್ತು. ಬೈಯುತ್ತಿರಲಿಲ್ಲ. ಬರೆಯುವುದನ್ನು ನಿಲ್ಲಿಸಿ, "ಧ್ಯಾಸ ಎಲ್ಲದ ಬೇ ನಿಂದು?" ಎಂದು ಕೇಳುತ್ತಿದ್ದರು, ಅಷ್ಟೇ. ಧ್ಯಾಸ ಅಂದರೆ ನಮ್ಮ ಕಡೆ ಗಮನ; ಅದು ಅವರ ಮಾತಿನಲ್ಲಿ ದಿನಕ್ಕೆ ಎಷ್ಟು ಸಲ ಬರುತ್ತಿತ್ತೋ. ಒಲೆಯ ಮೇಲಿನ ಹಾಲಿನ ಮೇಲೆ ಧ್ಯಾಸ ಇರಲಿ, ಬಸ್ಸಿನಲ್ಲಿ ಚೀಲದ ಮೇಲೆ ಧ್ಯಾಸ ಇರಲಿ. ಮನುಷ್ಯರ ಮೇಲೆ ಅವರ ಧ್ಯಾಸ ಹೇಗಿತ್ತೆಂದರೆ, ನಾನು ಊರಿನಿಂದ ಬಂದು ಚಪ್ಪಲಿ ಬಿಡುವ ರೀತಿ ನೋಡಿಯೇ ಅವ್ವನಿಗೆ ಆರಾಮಿಲ್ಲವೆಂದು ತಿಳಿದುಕೊಂಡಿದ್ದರು.

ಅವರ ಯಜಮಾನರನ್ನು ನಾನು ಕಾಕಾ ಎನ್ನುತ್ತಿದ್ದೆ. ನೀರಾವರಿ ಇಲಾಖೆಯಲ್ಲಿ ನೌಕರಿ, ಬಿಸಿಲಿಗೆ ಕರಿದಾದ ಮೈ, ಬಾಯಿ ತುಂಬ ಮಾತು. ಇಬ್ಬರ ನಡುವೆ ಒಂದೇ ಒಂದು ಮುಳ್ಳಿತ್ತು. ಒಬ್ಬಳೇ ಮಗಳನ್ನು ಕಾಲೇಜು ಬಿಡಿಸಿ ಕಾಕಾ ದೇವದುರ್ಗಕ್ಕೆ ಮದುವೆ ಮಾಡಿಕೊಟ್ಟಿದ್ದರು. ಹುಡುಗಿಗೆ ತಾಯಿಯಂತೆ ಮಾಸ್ತರಿಕೆ ಮಾಡುವ ಆಸೆ ಇತ್ತು. ಅಕ್ಕೋರು ಬೇಡವೆಂದಿದ್ದರು, ಕಾಕಾ ಕೇಳಿರಲಿಲ್ಲ. ಜಗಳವೇನೂ ಆಗಲಿಲ್ಲ. ಆ ವಿಷಯ ಬಂದಾಗ ಅಕ್ಕೋರು ಎದ್ದು ಒಳಗೆ ಹೋಗುತ್ತಿದ್ದರು, ಅಷ್ಟೇ.

ಒಂದು ಬೇಸಿಗೆಯ ಮುಂಜಾನೆ ಅಕ್ಕೋರು ಬಚ್ಚಲಲ್ಲಿ ಬಿದ್ದರು. ಎಡಗೈ, ಎಡಗಾಲು ಸ್ವಾಧೀನ ತಪ್ಪಿದ್ದವು, ಬಾಯಿ ಒಂದು ಕಡೆ ವಾಲಿತ್ತು. ಲಕ್ವಾ ಹೊಡೆದಿದೆ ಎಂದು ನೆರೆಯವರೆಲ್ಲ ಸೇರಿದರು. ಕಾಕಾ ಇಲಾಖೆಯವರ ಜೀಪು ಕೇಳಿ ತಂದು ರಾಯಚೂರಿನ ಆಸ್ಪತ್ರೆಗೆ ಕರೆದುಕೊಂಡು ಹೋದರು. ಕೆಲವು ವಾರಗಳ ಮೇಲೆ ಮನೆಗೆ ಬಂದಾಗ ಮಾತು ಸ್ಪಷ್ಟವಿತ್ತು, ಗುರುತು ನೆನಪು ಎಲ್ಲ ಇತ್ತು, ಕಾಲಿಗೂ ಸ್ವಲ್ಪ ಬಲ ಬಂದಿತ್ತು. ಬದುಕಿದಳು ಬಿಡಿ ಎಂದು ನೋಡಲು ಬಂದವರು ಹೇಳಿಹೋದರು.

ಆದರೆ ಮನೆಯಲ್ಲಿ ಬೇರೆಯೇ ನಡೆಯಿತು. ಪಡಸಾಲೆಯಲ್ಲಿ ಅವರ ಮಂಚ ಹಾಕಿದ್ದೆವು. ಮಂಚದ ಬಲಕ್ಕೆ ಅಡುಗೆಮನೆಯ ಬಾಗಿಲು, ಎಡಕ್ಕೆ ಬೀದಿ ಬಾಗಿಲು. ಕಾಕಾ ನೌಕರಿಗೆ ರಜೆ ಹಾಕಿ, ಬೀದಿ ಬಾಗಿಲ ಬಳಿ, ಗಾಳಿ ಬರುವಲ್ಲಿ, ಕುರ್ಚಿ ಹಾಕಿಕೊಂಡು ದಿನವಿಡೀ ಕೂಡುತ್ತಿದ್ದರು. ಅಕ್ಕೋರು ಅವರ ಕಡೆ ಮುಖ ತಿರುಗಿಸುತ್ತಲೇ ಇರಲಿಲ್ಲ. ಹಾಲು ಬೇಕೇನು ಎಂದು ಕಾಕಾ ಕೇಳಿದರೆ ಅಡುಗೆಮನೆ ಬಾಗಿಲಲ್ಲಿ ನಿಂತಿದ್ದ ನನ್ನನ್ನು ನೋಡಿ ಈಗ ಬೇಡ ತಂಗಿ ಎನ್ನುತ್ತಿದ್ದರು. ಗಂಡನ ಪ್ರಶ್ನೆಗೆ ಉತ್ತರ ನನಗೆ. ತಾಟಿನಲ್ಲಿ ಬಲಗಡೆಯ ಅನ್ನ ಉಂಡು, ಎಡಗಡೆಯ ಪಲ್ಯವನ್ನು ಹಾಗೇ ಬಿಟ್ಟು, ಪಲ್ಯ ಯಾಕೆ ಮಾಡಿಲ್ಲ ಎನ್ನುತ್ತಿದ್ದರು. ರೊಟ್ಟಿ ಅರ್ಧ ಉಳಿಯುತ್ತಿತ್ತು. ಕನ್ನಡಿ ಕೊಟ್ಟರೆ ಬಲಗಡೆಯ ಕೂದಲಷ್ಟೇ ಬಾಚಿಕೊಂಡು ಸಾಕು ಎನ್ನುತ್ತಿದ್ದರು. ತಲೆ ಕೆಟ್ಟಿದೆ ಎಂದವರುಂಟು, ಗಾಳಿ ಸೋಕಿದೆ ಎಂದವರುಂಟು.

ಕಾಕಾ ಮಾತ್ರ ಬೇರೆ ಅರ್ಥ ಮಾಡಿಕೊಂಡರು. ಮಗಳ ವಿಷಯದ ಸಿಟ್ಟು ಈಗ ಹೊರಗೆ ಬಂದಿದೆ, ಸಾಯುವ ತನಕ ನನ್ನ ಮುಖ ನೋಡಬಾರದೆಂದು ಹಟ ಹಿಡಿದಿದ್ದಾಳೆ ಎಂದುಕೊಂಡರು. ಮಾತುಗಾರ ಮನುಷ್ಯ ಮೂಕರಾಗುತ್ತ ಹೋದರು. ಒಂದು ಸಂಜೆ ನಾನು ಅಡುಗೆಮನೆಯಲ್ಲಿದ್ದಾಗ ಅವರು ಮಂಚದ ಪಕ್ಕ ನೆಲಕ್ಕೆ ಕೂತು, ಹೆಂಡತಿಯ ಎಡಗೈ ಹಿಡಿದು, ತಪ್ಪಾತು ಎಂದು ಅಳುತ್ತಿದ್ದುದು ಕೇಳಿಸಿತು. ಇಣುಕಿ ನೋಡಿದೆ. ಅಕ್ಕೋರು ಬಲಕ್ಕೆ, ನನ್ನ ಕಡೆ, ತಿರುಗಿ ಯಾರು ಅಳುತ್ತಿದ್ದಾರೆ ನೋಡು ತಂಗಿ ಎಂದರು. ಆ ಹೊತ್ತಿನ ಕಾಕಾ ಅವರ ಮುಖ... ಬೇಡ, ಅದನ್ನು ಬರೆಯಲಾರೆ.

ಬೇಸಿಗೆ ಬಲಿತಂತೆ ಬೀದಿ ಬಾಗಿಲಿನಿಂದ ಸಂಜೆಯ ಬಿಸಿಲು ನೇರ ಅಕ್ಕೋರ ಮುಖಕ್ಕೆ ಹೊಡೆಯತೊಡಗಿತು. ದಿಂಬನ್ನು ಮಂಚದ ಇನ್ನೊಂದು ತುದಿಗೆ ಹಾಕಿ ತಲೆ ಆ ಕಡೆ ಮಾಡಿ ಮಲಗಿಸಿದೆವು. ಅದರಿಂದ ಬೀದಿ ಬಾಗಿಲು ಅವರ ಬಲಕ್ಕೆ ಬಂತು. ಕಾಕಾ ಎಂದಿನಂತೆ ಹೋಗಿ ಕುರ್ಚಿಯಲ್ಲಿ ಕೂತರು. ಅಕ್ಕೋರು ಅವರನ್ನು ನೋಡಿದರು. ನೋಡುತ್ತಲೇ ಇದ್ದರು. ಕಣ್ಣು ತುಂಬಿ ಬಂತು.

"ಎಷ್ಟು ದಿನಾತು ನಿಮ್ಮನ್ನ ನೋಡಿ. ಎಲ್ಲಿ ಹೋಗಿದ್ರಿ?"

ಕಾಕಾ ಎದ್ದು ನಿಂತವರು ಹಾಗೇ ಕೂತರು. "ಇಲ್ಲೇ ಇದ್ದೆ," ಎಂದರು. "ಇಲ್ಲೇ ಇದ್ದೆನಲ್ಲ."

ಅವತ್ತಿನಿಂದ ನಾನು ಮಾಯವಾದೆ. ಅಡುಗೆಮನೆ ಈಗ ಅವರ ಎಡಕ್ಕಿತ್ತು. ನಾನು ಚಹಾ ತಂದು ನಿಂತಿದ್ದರೂ ಹುಡುಗಿ ಎಲ್ಲಿ ಹೋದಳು ಎಂದು ಅಕ್ಕೋರು ಕಾಕಾನನ್ನು ಕೇಳುತ್ತಿದ್ದರು. ನನಗೆ ನಗು, ಹೆದರಿಕೆ ಎರಡೂ ಒಟ್ಟಿಗೇ ಬಂದವು. ತಾಟನ್ನು ತಿರುಗಿಸಿ ಇಟ್ಟು ನೋಡಿದೆ. ಇಷ್ಟು ಹೊತ್ತು ಎಲ್ಲಿಟ್ಟಿದ್ದೆ ಎಂದು ಪುಂಡಿ ಪಲ್ಯವನ್ನು ಖುಷಿಯಿಂದ ಉಂಡರು. ಇದು ಸಿಟ್ಟಲ್ಲ, ಬೇರೆ ಏನೋ ಇದೆ ಎಂದು ನಾನೂ ಕಾಕಾನೂ ಮರುದಿನವೇ ಅವರನ್ನು ಕರೆದುಕೊಂಡು ರಾಯಚೂರಿಗೆ ಹೊರಟೆವು.

ಡಾಕ್ಟರು ವಯಸ್ಸಾದವರು, ಸಮಾಧಾನದ ಮನುಷ್ಯ. ಅಕ್ಕೋರ ಕಣ್ಣು, ಕಿವಿ ಎಲ್ಲ ಪರೀಕ್ಷೆ ಮಾಡಿದರು. ಕಣ್ಣೂ ಕಿವಿಯೂ ಸರಿಯಾಗಿವೆ, ಪೆಟ್ಟು ಬಿದ್ದಿರುವುದು ತಲೆಯೊಳಗೆ ಬಲಭಾಗದಲ್ಲಿ ಎಂದರು. ಬಸ್ ಸ್ಟ್ಯಾಂಡಿನಲ್ಲಿ ಎಲ್ಲ ಕಂಡಕ್ಟರುಗಳೂ ಕೂಗುತ್ತಿರುತ್ತಾರೆ, ಎಲ್ಲವೂ ಕಿವಿಗೆ ಬೀಳುತ್ತದೆ, ಆದರೆ ಮಾನ್ವಿ ಎಂದಾಗ ಮಾತ್ರ ನೀವು ಥಟ್ಟನೆ ತಿರುಗುತ್ತೀರಿ. ಬೇಕಾದದ್ದನ್ನು ಆರಿಸಿ ಅದರ ಕಡೆ ನಿಮ್ಮನ್ನು ತಿರುಗಿಸುವ ಕೆಲಸವನ್ನು ಮೆದುಳು ನಿಮಗೆ ಗೊತ್ತಿಲ್ಲದೆಯೇ ಮಾಡುತ್ತಿರುತ್ತದೆ. ಇವರಿಗೆ ಎಡಗಡೆ ತಿರುಗಿಸುವ ಆ ಕೆಲಸ ನಿಂತುಹೋಗಿದೆ ಎಂದು ತಿಳಿಸಿ ಹೇಳಿದರು.

"ಅವರಿಗೆ ಎಡಗಡಿ ಕತ್ತಲ ಆಗಿಲ್ಲ," ಎಂದರು. "ಕತ್ತಲ ಆಗಿದ್ರ ಕೈಯಾಡಿಸಿ ಹುಡುಕ್ತಿದ್ರು. ಎಡಗಡಿ ಅನ್ನೋದೇ ಅವರ ಪಾಲಿಗಿಲ್ಲ. ಇಲ್ಲದ್ದನ್ನ ಯಾರು ಹುಡುಕ್ತಾರ?"

ಕಾಕಾ, "ಹಂಗಾದ್ರ ಇದು ನನ್ನ ಮ್ಯಾಲಿನ ಸಿಟ್ಟಲ್ಲಾ?" ಎಂದು ಕೇಳಿದರು.

ಡಾಕ್ಟರು ನಕ್ಕು ಅದನ್ನು ಮಾತ್ರ ನೀವೇ ಕೇಳಿಕೊಳ್ಳಬೇಕು ಎಂದರು.

ಮನೆಗೆ ಬಂದ ಮೇಲೆ ಕಾಕಾ ಕುರ್ಚಿಯನ್ನು ಬಲಗಡೆಗೆ ಹತ್ತಿರ ಎಳೆದುಕೊಂಡು ಕೇಳಿಯೇಬಿಟ್ಟರು. ಅಕ್ಕೋರು ಅವರ ಮುಖವನ್ನೇ ನೋಡಿದರು.

"ಸಿಟ್ಟದ," ಎಂದರು. "ಆದ್ರ ನೀವು ಕಾಣದಂಗ ಆಗೂವಷ್ಟು ಸಿಟ್ಟು ನನಗ ಎಂದೂ ಬರಂಗಿಲ್ಲ."

ಮಾರನೆಯ ವಾರ ಕಾಕಾ ದೇವದುರ್ಗದ ಬಸ್ಸು ಹತ್ತಿದರು. ಬೀಗರ ಮನೆಯಲ್ಲಿ ಕೂತು ಏನು ಮಾತಾಡಿದರೋ, ಆ ವರ್ಷವೇ ಮಗಳು ರಾಯಚೂರಿನಲ್ಲಿ ಶಿಕ್ಷಕಿಯರ ತರಬೇತಿಗೆ ಸೇರಿದಳು.

ಡಾಕ್ಟರು ಕಲಿಸಿಕೊಟ್ಟ ಪಾಠವನ್ನು ಕಾಕಾ ತಪ್ಪದೆ ಮಾಡಿಸುತ್ತಿದ್ದರು. ನಾನು ಅಕ್ಕೋರ ಎಡಗೈಗೆ ಕೆಂಪು ಗಾಜಿನ ಬಳೆ ತೊಡಿಸಿದ್ದೆ, ದಿನವೂ ಅದನ್ನು ಹುಡುಕಿ ಮುಟ್ಟಬೇಕು. ಪುಸ್ತಕದ ಎಡ ಅಂಚಿಗೆ ಕೆಂಪು ಗೆರೆ ಎಳೆದಿದ್ದೆ, ಆ ಗೆರೆ ಸಿಗುವ ತನಕ ಕಣ್ಣು ಸರಿಸಿ ಆಮೇಲೆ ಓದಬೇಕು. ಕಾಕಾ ತಮ್ಮ ಕುರ್ಚಿಯನ್ನೇ ಪಾಠ ಮಾಡಿಕೊಂಡರು. ಬಲಗಡೆ ಕೂತು ಕಾಲುವೆಯ ಸುದ್ದಿ, ಊರ ಸುದ್ದಿ ಹೇಳುತ್ತ, ದಿನದಿನಕ್ಕೆ ಕುರ್ಚಿಯನ್ನು ಒಂದಿಷ್ಟು ಎಡಕ್ಕೆ ಸರಿಸುತ್ತಿದ್ದರು. ಅವರ ಮಾತು ಹಿಡಿದುಕೊಂಡು ಅಕ್ಕೋರ ಮುಖ ತುಸುತುಸುವೇ ತಿರುಗುತ್ತಿತ್ತು. ಒಮ್ಮೊಮ್ಮೆ ನಡುವೆ ಜಾರಿ ಮತ್ತೆ ಬಲಕ್ಕೆ ಬಂದುಬಿಡುತ್ತಿತ್ತು. ಕಾಕಾ ಬೇಸರಪಡದೆ ಮತ್ತೆ ಮೊದಲಿನಿಂದ ಶುರು ಮಾಡುತ್ತಿದ್ದರು.

ಆ ದಿನಗಳದೇ ಇನ್ನೊಂದು ನೆನಪು. ಅಕ್ಕೋರ ತವರು ತುಂಗಭದ್ರೆಯ ದಂಡೆಯ ಚೀಕಲಪರ್ವಿ. ಮನೆಯಿಂದ ಹೊಳೆಗೆ ಹೋಗುವ ದಾರಿ ಹೇಳು ಎಂದು ಕಾಕಾ ಕೇಳಿದರು. ಅಕ್ಕೋರು ಕಣ್ಣು ಮುಚ್ಚಿ, ಹನುಮಪ್ಪನ ಗುಡಿ, ಬಡಿಗೇರ ಮನಿ, ಹುಣಸಿಗಿಡ ಎಂದು ಹೇಳುತ್ತ ಹೋದರು. ಎಲ್ಲವೂ ಬಲಗಡೆಯವೇ. ಎಡಗಡೆ ಏನದ ಎಂದರೆ ಏನೂ ಇಲ್ಲ ಎಂದರು. ಕಾಕಾ ಸುಮ್ಮನಾಗದೆ, ಈಗ ಹೊಳೆಯಿಂದ ತಿರುಗಿ ಮನೆಗೆ ಬಾ ಎಂದರು. ಆಗ ಗುಡಿಯೂ ಇಲ್ಲ, ಹುಣಸಿಗಿಡವೂ ಇಲ್ಲ. ಅಲ್ಲಿಯವರೆಗೆ ಹೇಳದೇ ಇದ್ದ ಸೇದುವ ಬಾವಿ, ಗೆಳತಿಯ ಮನೆ, ದನ ಕಟ್ಟುವ ಕಟ್ಟೆ ಎಲ್ಲ ಒಂದೊಂದಾಗಿ ಬಂದವು. ನೆನಪಿನಲ್ಲಿ ನಡೆಯುವಾಗಲೂ ಅವರಿಗೆ ಒಂದೇ ಮಗ್ಗುಲು ಕಾಣುತ್ತಿತ್ತು. ಕಾಕಾ ನನ್ನ ಕಡೆ ತಿರುಗಿ ಮೆಲ್ಲಗೆ ಹೇಳಿದರು.

"ಊರು ಪೂರಾ ಅದ ನೋಡು ಇಕಿ ಹತ್ರ. ತಿರುಗಿದ್ರ ಸಿಗ್ತದ."

ಮುಂದಿನ ವರ್ಷ ಅಕ್ಕೋರು ಕೋಲು ಊರಿಕೊಂಡು ಮತ್ತೆ ಶಾಲೆಗೆ ಬಂದರು. ಬೋರ್ಡಿನ ಬಲಭಾಗದಲ್ಲಷ್ಟೇ ಬರೆಯುತ್ತಿದ್ದರು, ಎಡಗಡೆ ಖಾಲಿ ಉಳಿದಾಗ ಹುಡುಗಿಯರೇ ಎದ್ದು ಅಕ್ಕೋರ, ಈ ಕಡಿ ಎನ್ನುತ್ತಿದ್ದರು. ಯಾರೂ ನಗಲಿಲ್ಲ. ಎಡಸಾಲಿನಲ್ಲಿ ಕೂಡುವವರು ಕೈ ಎತ್ತಿದರೆ ಸಾಲದು, ಎದ್ದು ಬಲಕ್ಕೆ ಬಂದು ಪ್ರಶ್ನೆ ಕೇಳಬೇಕು ಎಂಬುದು ತಾನಾಗಿಯೇ ಪದ್ಧತಿಯಾಯಿತು. ಧ್ಯಾಸ ಎಲ್ಲದ ಎಂದು ಕೇಳುವುದನ್ನು ಮಾತ್ರ ಅವರು ಬಿಟ್ಟುಬಿಟ್ಟರು. ಯಾಕೆಂದು ಒಮ್ಮೆ ನಾನು ಕೇಳಿದ್ದಕ್ಕೆ, ಧ್ಯಾಸ ಎಂಬುದು ನಾವು ಹೇಳಿದಂತೆ ಕೇಳುತ್ತದೆ ಅಂದುಕೊಂಡಿದ್ದೆ ತಂಗಿ, ಪಾಪ ಆ ಹುಡುಗಿಯರು ಎಂದು ನಕ್ಕರು.

ನನಗೆ ದೇವದುರ್ಗಕ್ಕೆ ವರ್ಗವಾಯಿತು, ಆಮೇಲೆ ರಾಯಚೂರಿಗೆ. ಎಂಬತ್ತರ ದಶಕದ ಕೊನೆಯಲ್ಲಿ ಕಾಕಾ ತೀರಿಹೋದರು. ಆಮೇಲೊಮ್ಮೆ ಅಕ್ಕೋರನ್ನು ನೋಡಲು ಹೋದೆ. ಅವರು ಪಡಸಾಲೆಯಲ್ಲಿ ಕೂತಿದ್ದರು. ನಾನು ಮರೆತು ಅವರ ಎಡಗಡೆಯಿಂದ ಒಳಗೆ ಹೋಗಿ ಅಕ್ಕೋರ ಎಂದೆ. ಮೊದಲು ಬಲಕ್ಕೆ ನೋಡಿದರು. ಯಾರೂ ಕಾಣಲಿಲ್ಲ. ನಾನು ಆ ಕಡೆ ಹೋಗಬಹುದಿತ್ತು. ಆದರೆ ಅವರು ಆಗಲೇ ಮುಖವನ್ನು ತಿರುಗಿಸತೊಡಗಿದ್ದರು, ಕಾಕಾ ಕಲಿಸಿದ ಹಾಗೆ, ನಿಧಾನವಾಗಿ, ಬಾಗಿಲು ದಾಟಿ, ಗೋಡೆ ದಾಟಿ, ಖಾಲಿ ಕುರ್ಚಿಯ ಮೇಲೆ ಒಂದು ಗಳಿಗೆ ನಿಂತು, ಅಲ್ಲಿಂದಲೂ ಮುಂದೆ ಬಂದು ನನ್ನನ್ನು ಮುಟ್ಟುವ ತನಕ. ಕತ್ತು ನೋಯುತ್ತಿತ್ತೇನೋ, ತುಟಿ ಬಿಗಿದಿದ್ದವು.

"ಬಂದ್ಯಾ ತಂಗಿ," ಎಂದರು.

ಅದೇ ಕೊನೆಯ ಭೇಟಿ. ಅವರು ಹೋದ ಸುದ್ದಿ ನನಗೆ ತಲುಪಿದಾಗ ಎಲ್ಲ ಮುಗಿದುಹೋಗಿತ್ತು...

ಈಗಲೂ ಮದುವೆ ಮುಂಜಿ ಎಂದು ಮಾನ್ವಿಗೆ ಹೋಗುತ್ತಿರುತ್ತೇನೆ. ಗುರುತಿನವರು ಸಿಗುತ್ತಾರೆ, ನಿಂತು ಮಾತಾಡಿಸುತ್ತಾರೆ. ಅವತ್ತು ಖೋಲಿ ಕೊಡದೇ ಇದ್ದವರ ಮಕ್ಕಳು ಊಟಕ್ಕೂ ಕರೆಯುತ್ತಾರೆ. ಅದಕ್ಕೆ ಸಂತೋಷವೇ. ಆದರೆ ನಾನೊಬ್ಬಳು ಬಂದಿದ್ದೇನೆಂದು ಅಷ್ಟು ದೂರದಿಂದ, ಅಷ್ಟು ಕಷ್ಟಪಟ್ಟು ನನ್ನ ಕಡೆ ತಿರುಗಿದ ಮುಖ ಆ ಊರಿನಲ್ಲಿ ಇನ್ನಿಲ್ಲ. ಊಟ ಮುಗಿಸಿ ಸಂಜೆಯ ಬಸ್ಸಿಗೇ ರಾಯಚೂರಿಗೆ ಹಿಂದಿರುಗುತ್ತೇನೆ.