ಯಾಕೋ ಅಲ್ಲ, ಯಾಕ್ಕೊ

"ಯಾಕೋ!" ಎಂದು ಯಾರೋ ಬೆನ್ನ ಹಿಂದೆ ಗದರಿದರು. ನನ್ನ ಕೈಯಲ್ಲಿ ಒದ್ದೆ ಕಾಲುಚೀಲಗಳ ಬುಟ್ಟಿಯಿತ್ತು. ಅಮೆರಿಕದ ಸ್ಯಾನ್ ಹೊಸೆಗೆ ಬಂದು ನಾಲ್ಕು ತಿಂಗಳಾಗಿತ್ತು. ಹೆಂಡತಿಯನ್ನು ಬಿಟ್ಟರೆ ನನ್ನನ್ನು ಕನ್ನಡದಲ್ಲಿ ಮಾತಾಡಿಸುವವರೇ ಇರಲಿಲ್ಲ, ಏಕವಚನದಲ್ಲಂತೂ ಕೇಳಲೇಬೇಡಿ. ಹಾಸನದಲ್ಲಿ ನನ್ನನ್ನು ಹೀಗೆ ಕರೆಯುವ ಅಧಿಕಾರ ಇದ್ದದ್ದು ಇಬ್ಬರಿಗೆ, ನಮ್ಮಣ್ಣನಿಗೆ ಮತ್ತು ಹೆಡ್ ಮೇಷ್ಟ್ರಿಗೆ. ಹಳೆಯ ಅಭ್ಯಾಸ ನೋಡಿ, ಸೆಟೆದು ನಿಂತು "ಏನಿಲ್ಲ ಸಾರ್, ಒಣಗ್ಸಕ್ಕೆ ತಗಂಡ್ ಹೋಯ್ತಿದ್ದೆ" ಎಂದುಬಿಟ್ಟೆ. ಇಡೀ ಡ್ರೆಸ್ಸಿಂಗ್ ರೂಮು ನನ್ನನ್ನೇ ನೋಡಿತು. ಗದರಿದವನು ತಂಡದ ಕೋಚು, ಅವನು ಕರೆದದ್ದು ನನ್ನನ್ನಲ್ಲ. ಮೂಲೆಯ ಬೆಂಚಿನ ಮೇಲೆ ಬೂಟಿನ ಲೇಸು ಬಿಗಿಯುತ್ತಿದ್ದ, ಹುಬ್ಬು ಕೂಡ ಬೆಳ್ಳಗಿದ್ದ ಒಬ್ಬ ಉದ್ದನೆಯ ಆಟಗಾರ ನಿಧಾನವಾಗಿ ತಲೆ ಎತ್ತಿದ. ಅವನ ಹೆಸರೇ ಅದಂತೆ.

ನನ್ನ ಪರಿಚಯ ಹೇಳಿಬಿಡುತ್ತೇನೆ. ಹಾಸನದ ಒಂದು ಹೈಸ್ಕೂಲಿನಲ್ಲಿ ಹದಿನೇಳು ವರ್ಷ ಪಿ.ಟಿ. ಮೇಷ್ಟ್ರಾಗಿದ್ದವನು ನಾನು, ಮಂಜುನಾಥ. ಹೆಂಡತಿ ಸವಿತಾ ನರ್ಸು. ಅವಳು ಪರೀಕ್ಷೆಗಳ ಮೇಲೆ ಪರೀಕ್ಷೆ ಬರೆದು ಇಲ್ಲಿನ ಆಸ್ಪತ್ರೆಯಲ್ಲಿ ಕೆಲಸ ಗಿಟ್ಟಿಸಿದಳು; ನಾನು ಎರಡು ವರ್ಷದ ವೇತನರಹಿತ ರಜೆ ಹಾಕಿ ಅವಳ ಹಿಂದೆ ಸೂಟ್‌ಕೇಸು ಎಳೆದುಕೊಂಡು ಬಂದೆ. ನನಗೆ ಸಿಕ್ಕಿದ್ದು ಒಂದು ಸಣ್ಣ ಫುಟ್‌ಬಾಲ್ ಕ್ಲಬ್ಬಿನಲ್ಲಿ ಕಿಟ್ ಮ್ಯಾನ್ ಕೆಲಸ. ಎಂದರೆ ಆಟಗಾರರ ಅಂಗಿ, ಚಡ್ಡಿ, ಕಾಲುಚೀಲ ಒಗೆದು, ಮಡಿಚಿ, ಪಂದ್ಯದ ದಿನ ಅವರವರ ಜಾಗದಲ್ಲಿ ನೇತುಹಾಕುವವನು. ಊರಿಗೆ ಫೋನು ಮಾಡಿದಾಗ ಸವಿತಾ "ಸ್ಪೋರ್ಟ್ಸ್ ಮ್ಯಾನೇಜ್‌ಮೆಂಟಲ್ಲಿ ಇದಾರೆ" ಅನ್ನುತ್ತಾಳೆ. ಸುಳ್ಳೇನಲ್ಲ. ಮೂವತ್ತು ಜೊತೆ ಕಾಲುಚೀಲವನ್ನು ಜೋಡಿ ತಪ್ಪದಂತೆ ಮ್ಯಾನೇಜ್ ಮಾಡಿ ನೋಡಿ, ಗೊತ್ತಾಗುತ್ತದೆ.

ದಿನಕ್ಕೆ ಅಷ್ಟು ಬಟ್ಟೆ ಒಗೆಯುವ ನನಗೆ ಮನೆಯಲ್ಲಿ ಒಂದು ಪಂಚೆ ಒಣಗಿಸುವ ಸ್ವಾತಂತ್ರ್ಯವಿಲ್ಲ. ಬಂದ ಹೊಸದರಲ್ಲಿ ಅಪಾರ್ಟ್‌ಮೆಂಟಿನ ಬಾಲ್ಕನಿಯಲ್ಲಿ ಹರವಿದ್ದೆ. ಸಂಜೆಯೊಳಗೆ ಬಾಗಿಲಿಗೆ ನೋಟಿಸು ಅಂಟಿತ್ತು, ಬಾಲ್ಕನಿಯಲ್ಲಿ ಬಟ್ಟೆ ಕಾಣಬಾರದಂತೆ. ಇಷ್ಟು ಒಳ್ಳೆಯ ಬಿಸಿಲನ್ನು ದಂಡ ಮಾಡುವ ಊರನ್ನು ನಾನು ಬೇರೆಲ್ಲೂ ಕಂಡಿಲ್ಲ. ಹಾಸನದಲ್ಲಿ ಮನೆಯಿಂದ ಮಾರ್ಕೆಟ್ಟಿಗೆ ಹತ್ತು ನಿಮಿಷದ ದಾರಿ, ನನಗೆ ಒಂದು ಗಂಟೆ ಹಿಡಿಯುತ್ತಿತ್ತು. ಹೂವಿನವಳ ಮಗ ನನ್ನ ಕಬಡ್ಡಿ ಟೀಮು, ಬೇಕರಿಯವನು ನನ್ನ ರಿಲೇ ಟೀಮು, ಎಲ್ಲರೂ ನಿಲ್ಲಿಸಿ ಮಾತಾಡಿಸುವವರೇ. ಇಲ್ಲಿ ಸವಿತಾ ಹನ್ನೆರಡು ಗಂಟೆಯ ಶಿಫ್ಟಿಗೆ ಹೋದಮೇಲೆ ನಾನು ಲೈಟ್ ರೈಲು ಹತ್ತಿ ಕೊನೆಯ ಸ್ಟೇಷನ್ನಿನವರೆಗೆ ಹೋಗಿ ಅದೇ ರೈಲಿನಲ್ಲಿ ವಾಪಸ್ಸು ಬರುತ್ತಿದ್ದೆ. ಕೆಲಸವೇನೂ ಇರಲಿಲ್ಲ. ನಾಲ್ಕು ಜನರ ಮಧ್ಯೆ ಕೂತಿರಬೇಕು ಅನ್ನಿಸುತ್ತಿತ್ತು, ಅಷ್ಟೆ.

ಅಂಗಿಯ ಬೆನ್ನಿಗೆ ಹೆಸರು ಅಂಟಿಸುವುದೂ ನನ್ನದೇ ಕೆಲಸವಾದ್ದರಿಂದ ಆ ಉದ್ದನೆಯವನ ಹೆಸರು ಮಾರನೆಯ ದಿನ ನನ್ನ ಕೈಗೆ ಬಂತು. ಅವನು ಫಿನ್ಲೆಂಡಿನವನು. ಮೊದಲು ಜೆ, ಅದನ್ನು ಅವರು ಯ ಎಂದು ಓದುತ್ತಾರೆ. ಆಮೇಲೆ ಎರಡು ಎ, ಎರಡು ಕೆ, ಕೊನೆಗೊಂದು ಓ. ನೋಡಿದ ತಕ್ಷಣ ನನಗೆ ಅರ್ಥವಾಯಿತು. ಒಂದು ದೀರ್ಘ, ಒಂದು ಒತ್ತು, ಕೊನೆಗೆ ಹ್ರಸ್ವ. ಯಾಕ್ಕೊ. ಅಮೆರಿಕದವರ ನಾಲಿಗೆಗೆ ಒತ್ತಕ್ಷರ ಒಗ್ಗುವುದಿಲ್ಲ, ಕೊನೆಯ ಓ ಎಳೆಯದೆ ಬಿಡುವುದೂ ಗೊತ್ತಿಲ್ಲ. ಹಾಗಾಗಿ ಎಲ್ಲರ ಬಾಯಲ್ಲೂ ಅವನು ಯಾಕೋ ಆಗಿದ್ದ. ಅಂಗಿ ಕೊಡುವಾಗ ನಾನು ಹೆಸರು ಹಿಡಿದು ಕರೆದೆ. ಅವನು ಅಂಗಿ ತೆಗೆದುಕೊಳ್ಳದೆ ನಿಂತ.

"ಇನ್ನೊಂದು ಸಲ ಹೇಳು," ಎಂದ ಇಂಗ್ಲಿಷಿನಲ್ಲಿ.

"ಯಾಕ್ಕೊ."

"ಹನ್ನೊಂದು ದೇಶದಲ್ಲಿ ಆಡಿದ್ದೇನೆ. ಮನೆ ಬಿಟ್ಟಮೇಲೆ ಹೊರಗಿನವರೊಬ್ಬರು ಸರಿಯಾಗಿ ಕರೆದದ್ದು ಇದೇ ಮೊದಲು."

ಪ್ರತಿಯಾಗಿ ಅವನು ನನ್ನ ಹೆಸರಿನ ಜೆ ಅನ್ನೂ ಯ ಮಾಡಿ "ಮನ್ಯುನಾತ್" ಎಂದ. ಎಷ್ಟು ತಿದ್ದಿದರೂ ಮನ್ಯುವೇ. ಇರಲಿ ಎಂದು ಬಿಟ್ಟೆ. ಎಲ್ಲರೂ ಯಾಕೋ ಅಂದಾಗ ನಾನು ನಗುವುದು ಯಾಕೆಂದು ಅವನು ಕೇಳಿದ. ನಮ್ಮ ಭಾಷೆಯಲ್ಲಿ ಅದಕ್ಕೆ ಎರಡು ಅರ್ಥ ಎಂದೆ. ಒಂದು, ದೊಡ್ಡವರು ಚಿಕ್ಕವರನ್ನು ಕೇಳುವ 'ಯಾಕೆ?'. ಅವನು ಜೋರಾಗಿ ನಕ್ಕು, "ಹದಿನೆಂಟು ವರ್ಷದಿಂದ ಎಲ್ಲ ಕೋಚುಗಳೂ ನನ್ನನ್ನು ಅದನ್ನೇ ಕೇಳುತ್ತಿದ್ದಾರೆ" ಎಂದ. ಇನ್ನೊಂದು, ಕಾರಣ ಗೊತ್ತಿಲ್ಲದಾಗ ಹೇಳುವ ಮಾತು. ಯಾಕೋ ಬೇಜಾರು, ಯಾಕೋ ಊಟ ಸೇರ್ತಿಲ್ಲ, ಹಾಗೆ. ಅದಕ್ಕೆ ಅವನು ನಗಲಿಲ್ಲ. ಲೇಸು ಬಿಗಿಯುತ್ತಾ ಕೂತ.

ಯಾಕ್ಕೊ ಸ್ಟ್ರೈಕರ್, ಗೋಲು ಹೊಡೆಯುವುದೇ ಕೆಲಸ. ಮೂವತ್ತಾರು ವಯಸ್ಸು. ಸ್ವೀಡನ್, ಪೋಲೆಂಡ್, ಸೈಪ್ರಸ್, ವಿಯೆಟ್ನಾಂ, ಆಸ್ಟ್ರೇಲಿಯಾ, ಹೀಗೆ ಕರೆದಲ್ಲಿಗೆ ಹೋಗಿ ಒಂದೋ ಎರಡೋ ವರ್ಷ ಆಡಿ ಹೊರಡುವುದು. ಹೊಸ ದೇಶದಲ್ಲಿ ಸ್ಟ್ರೈಕರನಿಗೆ ಮೂರೇ ಮಾತು ಬೇಕು ಎಂದು ಅವನು ಹೇಳಿದ. ಚೆಂಡು ಬೇಕಾದರೆ ಒಂದು, ಹಿಂದೆ ಎದುರಾಳಿ ಬಂದಾಗ ಎಚ್ಚರಿಸಲು ಒಂದು. ಮೂರನೆಯದು ಕಷ್ಟದ್ದು. ಚೆಂಡು ನಿನ್ನ ಕಾಲಿಗೇ ಬರುತ್ತಿದೆ, ಆದರೆ ನಿನ್ನ ಹಿಂದಿರುವ ಜೊತೆಗಾರನಿಗೆ ಗೋಲು ಚೆನ್ನಾಗಿ ಕಾಣುತ್ತಿದೆ, ಆಗ ಮುಟ್ಟದೆ ಹೋಗಗೊಡಬೇಕು. ಕನ್ನಡದಲ್ಲಿ ಹೇಳಿಕೊಡು ಎಂದ. ಕೊಡು, ಹಿಂದೆ, ಬಿಡು ಎಂದೆ. ಬರೆದುಕೊಳ್ಳಲಿಲ್ಲ, ಆದರೆ ಮರೆಯಲೂ ಇಲ್ಲ. ಅಷ್ಟು ದೇಶದ ಭಾಷೆಗಳಲ್ಲಿ ಈ ಮೂರು ಮಾತು ಬಲ್ಲ ಮನುಷ್ಯನಿಗೆ, ಇಂಗ್ಲಿಷು ಬಿಟ್ಟರೆ, ಅವುಗಳಲ್ಲಿ ಒಂದರಲ್ಲೂ 'ಊಟ ಆಯ್ತಾ' ಎಂದು ಕೇಳಲು ಬರುವುದಿಲ್ಲ ಎಂಬುದು ನನಗೆ ಹೊಳೆದದ್ದು ಆಮೇಲೆ. ಅದನ್ನೂ ಕಲಿಸಿದೆ.

ಒಂದು ಭಾನುವಾರ ಊಟಕ್ಕೆ ಕರೆದೆ. ಮುದ್ದೆ ನೋಡಿ ಅವನ ಮುಖ ಬೆಳಗಿತು. ಅವರ ಊರಿನಲ್ಲಿ ಈಸ್ಟರ್ ಹಬ್ಬಕ್ಕೆ ಮ್ಯಾಮ್ಮಿ ಎಂಬ ತಿಂಡಿ ಮಾಡುತ್ತಾರಂತೆ, ರೈ ಧಾನ್ಯದ್ದು, ಬಣ್ಣ ಥೇಟು ಇದೇ. ಅಗಿಯಬೇಡ, ನುಂಗು ಎಂದರೂ ಕೇಳದೆ ಬಬಲ್‌ಗಮ್ಮಿನ ಹಾಗೆ ಅಗಿದು ಹಲ್ಲಿಗೆಲ್ಲ ಅಂಟಿಸಿಕೊಂಡ. ನಾವು ಬಸ್ಸು, ಬ್ಯಾಂಕು, ಪೋಸ್ಟು ಅನ್ನುವುದನ್ನು ಕೇಳಿಸಿಕೊಂಡು ಮೇಜು ಕುಟ್ಟಿದ. ಅವರು ಎಲ್ಲದಕ್ಕೂ ಇ ಸೇರಿಸುತ್ತಾರೆ, ಬುಸ್ಸಿ, ಪಂಕ್ಕಿ, ಪೋಸ್ತಿ. "ನೀವು ಉ, ನಾವು ಇ. ಇಷ್ಟೇ ವ್ಯತ್ಯಾಸ" ಎಂದ. ಸವಿತಾ ಅವನ ತಟ್ಟೆಗೆ ಇನ್ನೊಂದು ಸೌಟು ಬಸ್ಸಾರು ಹಾಕಿ, "ಪಾಪ, ಮನೆ ಊಟ ನೋಡಿ ಎಷ್ಟ್ ದಿನ ಆಗಿತ್ತೋ ಏನೋ" ಎಂದಳು. ಆ ದಿನ ನಾನು ಅಮೆರಿಕದಲ್ಲಿದ್ದೇನೆ ಎಂಬುದನ್ನೇ ಮರೆತಿದ್ದೆ.

ಎರಡನೆಯ ವರ್ಷದ ಏಪ್ರಿಲ್‌ನಲ್ಲಿ ಹೆಡ್ ಮೇಷ್ಟ್ರ ಫೋನು ಬಂತು. "ಜೂನ್ ಐದರೊಳ್ಗೆ ಬಂದು ಹಾಜರಿ ಹಾಕು, ಇಲ್ಲ ರಾಜೀನಾಮೆ ಕಳ್ಸು ಮಂಜು. ಪೋಸ್ಟ್ ಖಾಲಿ ಇಟ್ಕಂಡು ನಾನೆಷ್ಟ್ ದಿನ ಅಂತ ಎಲ್ರಿಗೂ ಉತ್ರ ಹೇಳ್ಲಿ?" ಅವರ ಮಾತಿನಲ್ಲಿ ತಪ್ಪಿಲ್ಲ. ಸವಿತಾಳಿಗೆ ಹೇಳಿದೆ. ಅವಳು ಯೂನಿಫಾರ್ಮು ಇಸ್ತ್ರಿ ಮಾಡುತ್ತಾ ತಲೆ ಎತ್ತದೆ ಹೇಳಿದಳು: "ಹೋಗ್ಬೇಕು ಅನ್ಸಿದ್ರೆ ಹೋಗಿ, ನಾನ್ ತಡೆಯಲ್ಲ. ಆದ್ರೆ ನಾನ್ ಬರಲ್ಲ ರೀ. ಈ ಕೆಲ್ಸಕ್ಕೆ ಎಷ್ಟ್ ಓದಿದೀನಿ ನಿಮ್ಗೂ ಗೊತ್ತು. ಇಲ್ಲಿ ಡಾಕ್ಟ್ರು ನನ್ ಮಾತ್ ನಿಂತ್ಕೊಂಡು ಕೇಳ್ತಾರೆ." ಹೋದರೆ ಒಬ್ಬನೇ, ಇದ್ದರೆ ಮೈದಾನವಿಲ್ಲದ ಪಿ.ಟಿ. ಮೇಷ್ಟ್ರು. ನೋಡೋಣ ಎಂದೆ. ಆರು ವಾರ ಬರೀ ನೋಡೋಣವೇ ಆಯಿತು.

ಯಾಕ್ಕೊನಿಗೂ ಹೇಳಿದೆ. "ಹದಿನೇಳು ವರ್ಷ ಒಂದೇ ಮೈದಾನವಾ?" ಎಂದು ಅವನು ಎರಡೆರಡು ಸಲ ಕೇಳಿದ. ಫುಟ್‌ಬಾಲಿನಲ್ಲಿ ಒಂದೇ ಕ್ಲಬ್ಬಿಗೆ ಆಯುಸ್ಸು ಕೊಟ್ಟವನಿಗೆ ದೊಡ್ಡ ಗೌರವವಂತೆ. ತನ್ನ ಹನ್ನೊಂದು ಕ್ಲಬ್ಬುಗಳಲ್ಲಿ ಯಾವುದಕ್ಕೆ ಈಗ ಹೋದರೂ ಗೇಟಿನವನು ಟಿಕೆಟ್ ಕೇಳುತ್ತಾನೆ ಎಂದ. ಆ ವರ್ಷ ಅವನ ಕಾಲು ನಡೆಯುತ್ತಿರಲಿಲ್ಲ, ಒಂಬತ್ತು ಪಂದ್ಯದಲ್ಲಿ ಒಂದೂ ಗೋಲಿಲ್ಲ. ಊರಿನಲ್ಲಿ ತಾಯಿಗೆ ಜೂನಿನಲ್ಲಿ ಸೊಂಟದ ಆಪರೇಷನ್ನು ನಿಗದಿಯಾಗಿತ್ತು. ಹತ್ತು ದಿನ ರಜೆ ಕೇಳಿದ್ದೇನೆ, ಕೊಡುವುದಿಲ್ಲವೇನೋ ಎಂದು ನನ್ನ ಹತ್ತಿರ ಹೇಳಿಕೊಂಡಿದ್ದ.

ಮೇ ಕೊನೆಯ ವಾರ ಕೋಚು ನನ್ನ ಲಾಂಡ್ರಿ ಕೋಣೆಗೆ ಬಂದು ಬಾಗಿಲಿಗೆ ಒರಗಿ, "ವಿ ಆರ್ ಲೆಟಿಂಗ್ ಯಾಕೋ ಗೋ" ಎಂದ. ಹೋಗಲು ಬಿಡುತ್ತಿದ್ದೇವೆ! ಕನ್ನಡ ಮೀಡಿಯಮ್ಮಿನಲ್ಲಿ ಓದಿದ ನನಗೆ ಅಷ್ಟೇ ಕೇಳಿಸಿದ್ದು. ಎಷ್ಟು ಒಳ್ಳೆಯವನಪ್ಪ ಈ ಕೋಚು ಎಂದುಕೊಂಡು, ಕೈಯಲ್ಲಿದ್ದ ಟವೆಲ್ಲು ಅಲ್ಲೇ ಎಸೆದು ಮೈದಾನಕ್ಕೆ ಓಡಿದೆ. ಯಾಕ್ಕೊ ಒಬ್ಬನೇ ಗೋಲಿಗೆ ಚೆಂಡು ಒದೆಯುತ್ತಿದ್ದ. ದೂರದಿಂದಲೇ ಕೂಗಿದೆ: "ಯಾಕ್ಕೊ! ದೆ ಆರ್ ಲೆಟಿಂಗ್ ಯು ಗೋ! ಅಮ್ಮನ ಹತ್ತಿರ ಹೋಗು!" ಹತ್ತಿರ ಹೋಗಿ ತಬ್ಬಿಕೊಂಡೂಬಿಟ್ಟೆ. ಅವನ ಮೈ ಮರದ ಹಾಗೆ ನಿಂತಿತ್ತು. "ಹೀಗೇ ಹೇಳಿದರಾ? ಇದೇ ಮಾತು?" ಎಂದು ಮೆಲ್ಲಗೆ ಕೇಳಿದ. ಹೌದೆಂದೆ. ಆಗ ಅವನೇ, ಶಾಲೆಯ ಹುಡುಗನಿಗೆ ಹೇಳುವ ಹಾಗೆ, ಇಂಗ್ಲಿಷಿನಲ್ಲಿ ಅದರ ಅರ್ಥ ಕೆಲಸದಿಂದ ತೆಗೆಯುವುದು ಎಂದು ನನಗೆ ವಿವರಿಸಿದ. ಹನ್ನೊಂದು ದೇಶದ ಬದುಕಿನ ಕೊನೆಯ ಸುದ್ದಿಯನ್ನು ನಾನು ಕುಣಿಯುತ್ತಾ ಹೇಳಿದ್ದೆ. ನನಗೆ ಅಲ್ಲೇ ಭೂಮಿಗಿಳಿದು ಹೋದರೆ ಸಾಕೆನಿಸಿತು. ಅವನು ನನ್ನ ಭುಜ ತಟ್ಟಿ, "ಇಷ್ಟು ಸಂತೋಷದಿಂದ ಯಾರೂ ನನ್ನನ್ನು ತೆಗೆದುಹಾಕಿರಲಿಲ್ಲ" ಎಂದ. ಅದಕ್ಕೆ ನನಗೆ ಅಳು ಬಂತು.

ಶನಿವಾರ ಅವನ ಕೊನೆಯ ಪಂದ್ಯ. ಕೊನೆಯ ಹತ್ತು ನಿಮಿಷಕ್ಕೆ ಮೈದಾನಕ್ಕಿಳಿಸಿದರು. ಎರಡೂ ಕಡೆ ಒಂದೊಂದು ಗೋಲಾಗಿ ಪಂದ್ಯ ಸಮ ಇತ್ತು. ಎಡಗಡೆಯಿಂದ ಒಂದು ಚೆಂಡು ನೆಲ ಹಿಡಿದು ಬಂತು, ನೇರ ಅವನ ಬಲಗಾಲಿಗೆ. ಅವನ ಮುಂದೆ ಇಬ್ಬರು, ಅವನ ಹಿಂದೆ ನಮ್ಮವನೊಬ್ಬ ಖಾಲಿ ನಿಂತಿದ್ದ. ಗೆರೆಯಾಚೆ ಬಾಟಲಿ ಜೋಡಿಸುತ್ತಿದ್ದ ನಾನು ಮೈಮರೆತು "ಬಿಡೋ ಯಾಕ್ಕೊ, ಬಿಡೋ!" ಎಂದು ಕಿರುಚಿದೆ. ಅವನು ಒದೆಯುವವನ ಹಾಗೆ ಕಾಲೆತ್ತಿ, ಚೆಂಡನ್ನು ಎರಡು ಕಾಲಿನ ಮಧ್ಯೆ ಹೋಗಲು ಬಿಟ್ಟ. ಎದುರಾಳಿಗಳು ಅವನ ಮೇಲೆ ಬಿದ್ದರು, ಹಿಂದಿನವನು ಗೋಲು ಹೊಡೆದ. ಮೈಕಿನಲ್ಲಿ ಹೊಡೆದವನ ಹೆಸರು ಕೂಗಿದರು, ಪಾಸು ಕೊಟ್ಟವನ ಹೆಸರು ಕೂಗಿದರು. ಮುಟ್ಟದೆ ಬಿಟ್ಟವನನ್ನು ಲೆಕ್ಕಕ್ಕೆ ಹಿಡಿಯುವ ಪದ್ಧತಿ ಆ ಆಟದಲ್ಲಿಲ್ಲ. ಅವನು ನೆಲದಿಂದ ಎದ್ದು ನನ್ನ ಕಡೆ ಒಂದು ಬೆರಳು ತೋರಿಸಿದ. ಅಮೆರಿಕದಲ್ಲಿ ನಾನು ಪಡೆದ ಸನ್ಮಾನ ಅದೊಂದೇ.

ಮಂಗಳವಾರ ಅವನು ಊರಿಗೆ ಹೊರಟ, ಈ ಸಲ ಖಾಯಂ ಆಗಿ. ಶುಕ್ರವಾರ ಬೆಳಿಗ್ಗೆ ಫೋನು ಮಾಡಿದ. ತಾಯಿ ಆರಾಮಿದ್ದಾರೆ, ಆಪರೇಷನ್ನು ಮುಂದಿನ ವಾರ, ಊರಿನಲ್ಲಿ ಬೇಸಿಗೆ, ಈಗ ರಾತ್ರಿಯೂ ಕತ್ತಲೆಯೇ ಆಗುವುದಿಲ್ಲ ಎಂದೆಲ್ಲ ಹೇಳಿದ. ಆಮೇಲೆ, "ಬಾಗಿಲು ತೆಗೆದ ತಕ್ಷಣ ಅಮ್ಮ ಏನು ಕೇಳಿದಳು ಗೊತ್ತಾ? ವಾಪಸ್ಸು ಟಿಕೆಟ್ ಯಾವತ್ತಿಗೆ ಅಂತ" ಎಂದ. ಹದಿನೆಂಟು ವರ್ಷದಿಂದ ಕೇಳಿ ಕೇಳಿ ಅವರಿಗೆ ಅದೇ ಬಾಯಿಗೆ ಬಂದದ್ದು, ಬೇಜಾರು ಮಾಡಿಕೊಳ್ಳಬೇಡ ಎಂದೆ. "ಇಲ್ಲ. ಆದರೆ ಉತ್ತರ ಹೇಳಲು ನನಗೆ ಹೊಳೆಯಲಿಲ್ಲ ಮನ್ಯು," ಎಂದ. ಊಟ ಆಯ್ತಾ ಎಂದು ಕನ್ನಡದಲ್ಲೇ ಕೇಳಿ ಫೋನು ಇಟ್ಟ.

ಆ ದಿನವೇ ರಾಜೀನಾಮೆ ಬರೆದೆ. ಯಾಕ್ಕೊ ಹೇಳಿದ್ದಕ್ಕಲ್ಲ. ಸವಿತಾಳನ್ನು ಬಿಟ್ಟು ಹೋಗಲು ನನಗೆ ಆಗುವುದಿಲ್ಲ, ಅದು ಆರು ವಾರದ ಹಿಂದೆಯೇ ಗೊತ್ತಿತ್ತು; ಬರೆಯಲು ಧೈರ್ಯ ಸಾಲದೆ ಮುಂದೂಡಿದ್ದೆ. ಶಿಫ್ಟು ಮುಗಿಸಿ ಬಂದ ಅವಳು ಅದನ್ನು ನಿಂತೇ ಓದಿದಳು. "ನಂಗೋಸ್ಕರ ಬರ್ದ್ರಾ?" ಎಂದಳು. ಹೌದೆಂದೆ. "ಹೌದು ಅನ್ಬೇಡಿ, ಭಾರ ಆಗುತ್ತೆ" ಎಂದು ಹೇಳಿ, ಪಕ್ಕದಲ್ಲಿ ಕೂತು ನನ್ನ ಕೈ ಹಿಡಿದುಕೊಂಡಳು.

ಹೆಡ್ ಮೇಷ್ಟ್ರು ಪತ್ರ ಕೈಸೇರಿದ ದಿನ ಫೋನು ಮಾಡಿದರು. ಬೈಯುತ್ತಾರೆ ಅಂದುಕೊಂಡಿದ್ದೆ. ಬೈದಿದ್ದರೆ ಚೆನ್ನಾಗಿತ್ತು. ಅವರ ದನಿ ಎಂದಿಲ್ಲದಷ್ಟು ಮೆತ್ತಗಿತ್ತು. "ಡಿಸೆಂಬರ್‌ನಲ್ಲಿ ಊರಿಗೆ ಬರ್ತೀರಲ್ಲ ಮಂಜುನಾಥ್? ಸ್ಪೋರ್ಟ್ಸ್ ಡೇಗೆ ತಾವೇ ಮುಖ್ಯ ಅತಿಥಿ. ಕಮಿಟಿಯವ್ರೆಲ್ಲ ಒಪ್ಪಿದಾರೆ." ಮಂಜು ಹೋಗಿ ಮಂಜುನಾಥ್ ಬಂದಿತ್ತು, ನೀನು ಹೋಗಿ ತಾವು ಬಂದಿತ್ತು. ಹದಿನೇಳು ವರ್ಷ ಆ ಮೈದಾನದಲ್ಲಿ ಬೆಳಗಿನ ಜಾವಕ್ಕೇ ಎದ್ದು ಸುಣ್ಣದ ಗೆರೆ ಎಳೆದವನು ನಾನು. ಮುಖ್ಯ ಅತಿಥಿಗಳಿಗೆ ಶಾಮಿಯಾನದ ಕೆಳಗೆ ಕುರ್ಚಿ ಹಾಕಿಸಿದವನೂ ನಾನೇ. ಅವರನ್ನು ನಾನು ಚೆನ್ನಾಗಿ ಬಲ್ಲೆ. ತಡವಾಗಿ ಬರುತ್ತಾರೆ, ಮಕ್ಕಳ ಹೆಸರು ಚೀಟಿ ನೋಡಿ ಓದುತ್ತಾರೆ, ರಿಲೇ ಓಟ ಶುರುವಾಗುವ ಮೊದಲೇ ಹೊರಡುತ್ತಾರೆ.

"ಆಗ್ಲಿ ಸಾರ್, ಬರ್ತೀನಿ," ಎಂದೆ.

"ಎಷ್ಟ್ ದಿನ ಇರ್ತೀರಾ?" ಎಂದು ಅವರು ಕೇಳಿದರು.